ಕೋಳಿಗಳ ನೀರಾವರಿ ಯೋಜನೆ

ಆಮ್ರಪಾಲಿಗೆ ಸಿಟ್ಟು ಬಂದಿತ್ತು. ಸಿಟ್ಟು ಬರುವುದೇನೂ ಆ ಮನೆಯಲ್ಲಿ ಹೊಸ ಸುದ್ದಿಯಲ್ಲ. ತಿಕೋಟಾದ ಬಿಸಿಲಿನ ಹಾಗೆ ಅದೂ ಬೆಳಿಗ್ಗೆ ಎಳೆಯದಾಗಿ ಹುಟ್ಟಿ, ಮಧ್ಯಾಹ್ನ ನೆತ್ತಿಗೇರಿ, ಸಂಜೆ ಗಂಡ ಮನೆಗೆ ಬರುವ ಹೊತ್ತಿಗೆ ಗೋಡೆಗಳನ್ನೂ ಕಾಯಿಸಿಟ್ಟಿರುತ್ತಿತ್ತು. ಆದರೆ ಇವತ್ತು ಬೆಳ್ಳಂಬೆಳಿಗ್ಗೆಯೇ ನೆತ್ತಿಗೇರಿತ್ತು. ಕಾರಣ, ಹಿತ್ತಲಲ್ಲಿ ಬೋರಲು ಬಿದ್ದಿದ್ದ ಒಂದು ಬೋಗಾಣಿ.

ಕೋಳಿಗಳಿಗೆಂದು ಅದರ ತುಂಬ ನೀರಿಟ್ಟು, ಒಳಗೆ ಹೋಗಿ ಮಗಳು ಯಶುವಿನ ಮೂಗು ಒರೆಸಿ ಬರುವಷ್ಟರಲ್ಲಿ, ಹುಂಜ ಅದರ ಅಂಚಿನ ಮೇಲೆ ಹತ್ತಿ ನಿಂತು, ಊರಿಗೆಲ್ಲ ಕೇಳುವಂತೆ ಒಂದು ಭಾಷಣ ಮಾಡಿ, ವೇದಿಕೆಯ ಸಮೇತ ಮಗುಚಿ ಬಿದ್ದಿತ್ತು. (ಅತ್ತೆ ಪರಸವ್ವ ಈ ಹುಂಜಕ್ಕೆ ‘ಸಾವಕಾರ’ ಎಂದು ಹೆಸರಿಟ್ಟದ್ದು ಸುಮ್ಮನೆ ಅಲ್ಲ. ಕೆಲಸ ಏನೂ ಇಲ್ಲ, ಗತ್ತಿಗೇನೂ ಕಡಿಮೆ ಇಲ್ಲ.)

ಒಂದು ಬೋಗಾಣಿ ನೀರಿಗೆ ಇಷ್ಟು ಸಿಟ್ಟೇ ಎಂದು ಕೇಳಬೇಡಿ. ಹೋದ ಬೇಸಿಗೆಯಲ್ಲಿ ಆಕೆ ಎರಡು ದಿನ ತವರಿಗೆ ಹೋಗಿ ಬಂದಾಗ ಚುಕ್ಕಿ ಎಂಬ ಕೋಳಿ ಗೂಡಿನ ಮೂಲೆಯಲ್ಲಿ ಸತ್ತು ಬಿದ್ದಿತ್ತು. ಬೋಗಾಣಿ ಒಣಗಿ ಬಿದ್ದಿತ್ತು. ನೀರಿಡುತ್ತೇನೆಂದು ಆಣೆ ಮಾಡಿದ್ದ ಗಂಡ ರಾಜಾರಾಮ ಕ್ರಿಕೆಟ್ ನೋಡುತ್ತ ಬಿದ್ದಿದ್ದ. ಬಿದ್ದ ಮೂವರಲ್ಲಿ ಎದ್ದು ಬಂದು “ಊಟಕ್ಕ ಏನೈತಿ?” ಎಂದು ಕೇಳಿದವನು ಅವನೊಬ್ಬನೇ. ಆವತ್ತು ಆಮ್ರಪಾಲಿ ಏನು ಬಡಿಸಿದಳೆಂಬುದು ಇಡೀ ಓಣಿಗೆ ಕೇಳಿಸಿತ್ತು.

ಈಗ ಉಳಿದ ಕೋಳಿಗಳಲ್ಲಿ ಕೆಂಚಿ ಎಂದರೆ ಆಕೆಗೆ ಜೀವ. ಯಶು ಅನ್ನ ತಿನ್ನಲು ಶುರುಮಾಡಿದಾಗ ಕಾಖಂಡಕಿಯ ಅವ್ವ, “ಕೂಸಿಗೆ ದಿನಾ ಒಂದ ತತ್ತಿ ಆಗ್ತೈತಿ, ತಗೊಂಡ ಹೋಗ” ಎಂದು ಕೈಚೀಲದಲ್ಲಿ ಕೂರಿಸಿಕೊಟ್ಟ ಕೋಳಿ ಅದು. ಬಸ್ಸಿನಲ್ಲಿ ಚೀಲದಿಂದ ಕತ್ತು ಹೊರಹಾಕಿ, ಬಬಲೇಶ್ವರದಿಂದ ವಿಜಯಪುರದವರೆಗೂ ಕಂಡಕ್ಟರನನ್ನೇ ದಿಟ್ಟಿಸಿ ಕೂತು ಬಂದಿತ್ತು. ಈಗ ಅದೇ ಕಾಖಂಡಕಿಯಲ್ಲಿ, ಬರುವ ಬುಧವಾರ, ಆಮ್ರಪಾಲಿಯ ಒಬ್ಬಳೇ ತಂಗಿಯ ಕುಬಸ. ಚೊಚ್ಚಲ ಬಸುರಿಗೆ ಹಸಿರು ಸೀರೆ ಉಡಿಸಿ, ಬಳೆ ತೊಡಿಸಿ, ಉಡಿ ತುಂಬಲು ಅಕ್ಕನಾದವಳು ಮುಂದೆ ನಿಲ್ಲದಿದ್ದರೆ ಹೇಗೆ? ಹೋಗಬೇಕು. ಆದರೆ ಈ ಸುಡುವ ಮೇ ತಿಂಗಳಲ್ಲಿ ಕೆಂಚಿಯನ್ನು ಯಾರ ಕೈಗೆ ಬಿಡಬೇಕು? ಅತ್ತೆಗೆ ಮೊಣಕಾಲು ನೋವು, ಹಿತ್ತಲ ಮೆಟ್ಟಿಲು ಇಳಿಯಲಾರಳು. ಉಳಿದವನು ಒಬ್ಬನೇ.

“ನಾ ಇದ್ದೇನಲ್ಲ, ನೀ ಹೋಗ,” ಎಂದ ರಾಜಾರಾಮ, ಚಹಾಕ್ಕೆ ಟೋಸ್ಟು ಅದ್ದುತ್ತ.

“ನೀವ ಇದ್ದದ್ದಕ್ಕ ಚುಕ್ಕಿ ಹೋತು.”

“ಏ, ಇನ್ನ ಎಷ್ಟ ವರ್ಷ ಚುಕ್ಕಿ ಚುಕ್ಕಿ ಅಂತೀ? ನಮ್ಮ ಕಾಕಾ ಸತ್ತಾಗ ಸೈತ ಇಷ್ಟ ಅತ್ತಿಲ್ಲ ನೀನು!”

“ನಿಮ್ಮ ಕಾಕಾ ತತ್ತಿ ಇಡತಿದ್ದಿಲ್ಲ!”

ಒಳಗಿನಿಂದ ಪರಸವ್ವ ಕೆಮ್ಮಿದಳು. ಸತ್ತವನು ಆಕೆಯ ಮೈದುನ. ಆದರೆ ಆಕೆಯೂ ಎದುರಾಡಲಿಲ್ಲ, ಮಾತಿನಲ್ಲಿ ಸತ್ಯವಿತ್ತು.

ಅಂದೇ ರಾಜಾರಾಮನ ಗಂಡಸ್ತನ ಕೆರಳಿತು. ಅವನು ವಿಜಯಪುರದಲ್ಲಿ ಸಿದ್ಧೇಶ್ವರ ಗುಡಿಯ ಹತ್ತಿರದ ಒಂದು ಪೈಪಿನ ಅಂಗಡಿಯಲ್ಲಿ ಕೆಲಸಕ್ಕಿದ್ದ. ಜಿಲ್ಲೆಯ ಅರ್ಧ ಹೊಲಗಳಿಗೆ ನೀರು ಹೇಗೆ ಒಯ್ಯಬೇಕೆಂದು ರೈತರಿಗೆ ಹೇಳಿ ಕಳಿಸುವ ಮನುಷ್ಯ, ತನ್ನ ಹಿತ್ತಲಿನ ಕೋಳಿಗೆ ನೀರು ಕುಡಿಸಲಾರನೇ? ಮರುದಿನ ಸಂಜೆಯ ಬಸ್ಸಿನಲ್ಲಿ ಪೈಪಿನ ತುಂಡುಗಳು, ಮೊಳಕೈ ಜೋಡಣೆಗಳು, ಒಂದು ನೀಲಿ ಡ್ರಮ್ಮು ಇಳಿದವು. ರಾತ್ರಿ ಊಟದ ಹೊತ್ತಿಗೆ ಪಡುವಣ ಗೋಡೆಯುದ್ದಕ್ಕೂ ಬಿಳಿ ಪೈಪು ಓಡಿ, ಅದರ ಹೊಟ್ಟೆಗೆ ಸಾಲಾಗಿ ಕೆಂಪು ತೊಟ್ಟುಗಳು ಕೂತು, ಏತ ನೀರಾವರಿ ಯೋಜನೆಯೊಂದು ಲೋಕಾರ್ಪಣೆಗೆ ಸಿದ್ಧವಾಗಿತ್ತು. ತೊಟ್ಟನ್ನು ಕೋಳಿ ಕೊಕ್ಕಿನಿಂದ ಕುಟ್ಟಿದರೆ ಒಂದು ಹನಿ ನೀರು. ಮತ್ತೆ ಕುಟ್ಟಿದರೆ ಮತ್ತೊಂದು.

“ಚೆಲ್ಲೂ ಹಂಗಿಲ್ಲ, ಹೊಲಸಾಗೂ ಹಂಗಿಲ್ಲ,” ಎಂದ ಅವನು. “ದೊಡ್ಡ ದೊಡ್ಡ ಫಾರ್ಮಿನ್ಯಾಗ ಇದನ್ನ ಹಾಕ್ತಾರ.”

“ಆಕಳ ಮಲಿ ಕಂಡೇನಿ, ಆಡಿನ ಮಲಿ ಕಂಡೇನಿ,” ಎಂದಳು ಪರಸವ್ವ ಬಾಗಿಲಲ್ಲಿ ನಿಂತು. “ಗ್ವಾಡಿಗೆ ಮಲಿ ಬಂದದ್ದು ಇವತ್ತ ಕಂಡೆ, ಯಪ್ಪಾ.”

ಕೋಳಿಗಳಿಗೆ ಆ ದೊಡ್ಡ ಫಾರ್ಮಿನ ಶಿಕ್ಷಣ ಆಗಿರಲಿಲ್ಲ. ಅವು ಪೈಪಿನ ಕೆಳಗೆ ಹಾದು ಹೋದವೇ ಹೊರತು ಮೇಲೆ ನೋಡಲಿಲ್ಲ. ಆಗ ರಾಜಾರಾಮ ಮೊಣಕಾಲೂರಿ ಕುಳಿತು, ಕೆಂಚಿಯ ಎದುರಿಗೆ ತನ್ನ ಮೂಗಿನಿಂದಲೇ ತೊಟ್ಟನ್ನು ಕುಟ್ಟಿ ಕುಟ್ಟಿ ಪಾಠ ಹೇಳಿದ. ಕೆಂಚಿ ಬಹಳ ಹೊತ್ತು ಅವನನ್ನು ಓರೆಗಣ್ಣಿನಿಂದ ನೋಡಿ, ಕೊನೆಗೆ ಅವನ ಮೂಗನ್ನೇ ಕುಟ್ಟಿತು. ಮರುದಿನ ಮಧ್ಯಾಹ್ನ ಆಮ್ರಪಾಲಿ ಆ ಪೈಪನ್ನು ಮುಟ್ಟಿ ಕೈ ಸುಟ್ಟುಕೊಂಡಳು. ಪಡುವಣ ಬಿಸಿಲಿಗೆ ಒಳಗಿನ ನೀರು ಕಾದು, ಸಕ್ಕರೆ-ಪುಡಿ ಹಾಕಿದರೆ ಚಹಾ ಆಗುವ ಹದಕ್ಕೆ ಬಂದಿತ್ತು.

“ಕೋಳಿಗೆ ನೀರ ಕುಡಸ್ರಿ ಅಂದ್ರ ಕೋಳಿ ಸಾರ ಮಾಡಾಕ ನಿಂತೀರೇನು? ತಗೀರಿ ಇದನ್ನ!”

ಎರಡನೆಯ ಯೋಜನೆ ಪರಸವ್ವನದು. ಹಿರಿಯರ ಕಾಲದಲ್ಲಿ ದನಕ್ಕೆ ನೀರಿಡುತ್ತಿದ್ದ ಕಲ್ಲಿನ ಡೋಣಿಯೊಂದು ಮೂಲೆಯಲ್ಲಿ ಮಣ್ಣು ತಿನ್ನುತ್ತಿತ್ತು. ತೊಳೆದು ನೀರು ತುಂಬಿದರು. ಸಾವಕಾರ ಅದರ ಅಂಚು ಹತ್ತಿ ಎಷ್ಟು ಹಾರಿದರೂ ಡೋಣಿ ಮಗುಚಲಿಲ್ಲ, ನಿಜ. ಆದರೆ ಅದರಲ್ಲಿ ಮೊದಲು ಇಳಿದದ್ದು ಕೋಳಿಯಲ್ಲ, ಯಶು. ಬೆಳಿಗ್ಗೆ ತೊಡಿಸಿದ ಹೊಸ ಫ್ರಾಕಿನ ಸಮೇತ ಡೋಣಿಯಲ್ಲಿ ಕೂತು, ಕೋಳಿಯ ಹಿಕ್ಕೆಯನ್ನು ಅಂಗೈಯಲ್ಲಿ ಹಿಡಿದು “ಅವ್ವಾ, ಪೇಡೆ” ಎಂದು ತೋರಿಸಿತು. ಆಮ್ರಪಾಲಿ ಮಗಳಿಗೆ ಎರಡು ಸಲ ಸೋಪು ಹಚ್ಚಿ ತೊಳೆದಳು. ಆಮೇಲೆ ಡೋಣಿಯನ್ನು ಬೋರಲು ಹಾಕಿದಳು. ಆಮೇಲೆ ಗಂಡನಿಗೆ ಬೈದಳು. (ಡೋಣಿ ಅತ್ತೆಯದು, ಹೌದು. ಆದರೆ ಅತ್ತೆಗೆ ಬೈಯಲಾಗುವುದಿಲ್ಲವಲ್ಲ.)

“ನಿಮ್ಮ ಯಾರದೂ ಬ್ಯಾಡ. ನಾನ ಮಾಡ್ತೇನಿ.”

ಮೂರನೆಯ ಯೋಜನೆ ಸರಳವಾಗಿತ್ತು, ಅಗ್ಗವಾಗಿತ್ತು, ಆದ್ದರಿಂದ ಆಮ್ರಪಾಲಿಯದಾಗಿತ್ತು. ಒಂದು ಹಳೆಯ ಎಣ್ಣೆಯ ಕ್ಯಾನು. ಅದರ ಬುಡದ ಹತ್ತಿರ ಕಾಯಿಸಿದ ಮೊಳೆಯಿಂದ ಒಂದು ತೂತು. ಕ್ಯಾನಿನ ಕೆಳಗೆ ಅಗಲವಾದ ತಾಟು. ತೂತು ತಾಟಿನ ಅಂಚಿಗಿಂತ ತುಸು ಕೆಳಗೆ ಬರಬೇಕು, ಅಷ್ಟೇ ಜಾಣತನ. ನೀರು ತುಂಬಿ ಮುಚ್ಚಳ ಬಿಗಿದರೆ ತೂತು ಮುಳುಗುವವರೆಗೆ ನೀರು ಬಂದು ತಾನಾಗಿ ನಿಲ್ಲುತ್ತದೆ. ಕೋಳಿ ಕುಡಿದಷ್ಟೂ ಮತ್ತೆ ಇಳಿಯುತ್ತದೆ. ಬೇವಿನ ಗಿಡದ ನೆರಳಲ್ಲಿ ಇಟ್ಟಿಗೆಯ ಮೇಲೆ ಕೂರಿಸಿದಳು.

“ಯವ್ವಾ! ತಾನ ನಿಂತತಲ್ಲ ಬೇ ನೀರು!” ಪರಸವ್ವ ಗಲ್ಲಕ್ಕೆ ಕೈ ಹಚ್ಚಿದಳು.

“ನಿಂದ್ರತೈತ್ರಿ ಅತ್ತಿ. ಹೇಳಿದ್ದ ಕೇಳೂದು ಈ ಮನ್ಯಾಗ ಇದೊಂದ.”

ಸಂಜೆಗೆ ಕ್ಯಾನು ಅರ್ಧ ಇಳಿದಿತ್ತು. ಮರುದಿನವೂ ಹಾಗೆಯೇ. ಆಮ್ರಪಾಲಿ ಗಂಡನನ್ನು ಕರೆದು, ತೋರುಬೆರಳಿನಿಂದ ನೀರಿನ ಮಟ್ಟ ತೋರಿಸಿ, ಸೆರಗು ಸಿಗಿಸಿಕೊಂಡು ಒಳಗೆ ಹೋದಳು. ಆ ಬೆರಳು ಅವನಿಗೆ ಬೈಗುಳಕ್ಕಿಂತ ಹೆಚ್ಚು ತಾಗಿತು. ಗೋಡೆಯಾಚೆ ಸುಗರಾಬಿ ತನ್ನ ಚಿಂತೆಯಲ್ಲಿದ್ದಳು: “ನಮ್ಮ ಆಡ ಎರಡ ದಿನ ಆತು ಮನ್ಯಾಗಿನ ನೀರ ಮುಟ್ಟವಲ್ದು ನೋಡವಾ. ಏನ ರೋಗ ಬಂತೋ!” ಆಮ್ರಪಾಲಿ ಬಹಳ ಕನಿಕರದಿಂದ, ದನದ ಡಾಕ್ಟರಿಗೆ ತೋರಿಸಲು ಹೇಳಿದಳು.

ಇನ್ನು ಒಂದೇ ಸಿಟ್ಟು ಬಾಕಿ: ಕೂಲರು. ಹಿತ್ತಲ ಕಿಟಕಿಗೆ ಹೊರಗಿನಿಂದ ಕೂರಿಸಿದ ಆ ತಗಡಿನ ಕೂಲರಿನ ತೊಟ್ಟಿ ಯುಗಾದಿಯಿಂದಲೂ ಸೋರುತ್ತಿತ್ತು. ಹಗಲೂ ರಾತ್ರಿ ಟಪ್, ಟಪ್. ಕೆಳಗೆ ನೆಲ ಕುಳಿಬಿದ್ದು, ಪಾಚಿಗಟ್ಟಿ, ಕೋಳಿಗಳೆಲ್ಲ ಅಲ್ಲೇ ಹೊರಳಾಡಿ, ಅದೇ ಕಾಲಿನಿಂದ ಬಟ್ಟೆ ಒಗೆಯುವ ಕಲ್ಲಿನ ಮೇಲೆಲ್ಲ ರಂಗೋಲಿ ಹಾಕುತ್ತಿದ್ದವು. ಆಕೆ ದಿನಕ್ಕೆ ಎಷ್ಟು ಸಲ ಕಸಬರಿಗೆ ಹಿಡಿದು ಓಡಿಸಿದ್ದಳೋ! ಗಂಡನಿಗೆ ಹೇಳಿದಾಗಲೆಲ್ಲ “ನಾಳೆ”. ತವರಿಗೆ ಹೊರಡುವ ಮುನ್ನಾದಿನ ಸಂಜೆ ಆಮ್ರಪಾಲಿಯ ತಾಳ್ಮೆ ಕೊನೆಯ ಹನಿಯವರೆಗೂ ಸೋರಿಹೋಯಿತು. ಕೂಲರ್ ರಿಪೇರಿಯ ಆರಿಫನನ್ನು ತಾನೇ ಫೋನು ಮಾಡಿ ಕರೆಸಿದಳು. ಅವನು ತುಕ್ಕು ಕೆರೆದು, ತೂತಿಗೆ ಅಂಟಿನ ಲಪ್ಪ ಮೆತ್ತಿ, ಒಣಗಿಸಿ, ನೀರು ತುಂಬಿ ತೋರಿಸಿದ.

“ಇನ್ನ ಒಂದ ಹನಿ ಬಿದ್ರ ನನ್ನ ಹೆಸರ ಆರಿಫ ಅಲ್ರಿ, ಅಕ್ಕಾರ.”

“ಹಂಗ ಬಾಯಿಲೆ ಹೇಳಿ ಹೋಗಬ್ಯಾಡ. ಶುಕ್ರವಾರ ನೀನ ಬಂದ ನೋಡಬೇಕು. ಒಂದ ಹನಿ ಕಂಡರೂ ಬಿಚ್ಚಿ ಮತ್ತ ಮಾಡಬೇಕು. ಬರಲಿಲ್ಲ ಅಂದ್ರ ನಿನ್ನ ಅಂಗಡಿಗೆ ಬರ್ತೇನಿ!”

ಆಕೆ ಅಂಗಡಿಗೆ ಬಂದರೆ ಏನಾಗಬಹುದೆಂದು ಊಹಿಸಿಕೊಂಡು ಆರಿಫ, ತಪ್ಪದೆ ಬರುವುದಾಗಿ ಮಾತು ಕೊಟ್ಟ.

ಹೀಗೆ ಮನೆಯ ಸಮಸ್ತ ನೀರನ್ನೂ ತನ್ನ ಆಜ್ಞೆಗೆ ತಂದುಕೊಂಡು ಆಮ್ರಪಾಲಿ ಯಶುವನ್ನು ಸೊಂಟಕ್ಕೇರಿಸಿ ಕಾಖಂಡಕಿಗೆ ಹೋದಳು. ಹೊರಡುವಾಗ ಕೆಂಚಿಯ ತಲೆ ಸವರಿ, “ನೀರ ಐತಿ, ನೆಳ್ಳ ಐತಿ, ಹೆದರಬ್ಯಾಡ” ಎಂದಳು. ಗಂಡನಿಗೆ ಬರೀ ಕಣ್ಣು ಬಿಟ್ಟಳು.

ಕುಬಸದ ದಿನ. ತಂಗಿ ಹಸಿರು ಸೀರೆ ಉಟ್ಟು ಮಣೆಯ ಮೇಲೆ ಕೂತಿದ್ದಾಳೆ. ಹೆಂಗಸರು ಸುತ್ತ ನೆರೆದಿದ್ದಾರೆ. ಒಳಗಿಂದ ಹೋಳಿಗೆಯ ವಾಸನೆ ಬರುತ್ತಿದೆ. ಆಮ್ರಪಾಲಿ ಬಳೆ ತೊಡಿಸಿ ಮುಗಿಸಿದ್ದಷ್ಟೇ, ಫೋನು ಬಡಿದುಕೊಂಡಿತು.

“ಏ, ಮೊದಲ ಸಿಟ್ಟ ಮಾಡ್ಕೋಬ್ಯಾಡ,” ಎಂದ ರಾಜಾರಾಮ. ಸಿಟ್ಟು ಬರಲು ಅಷ್ಟು ಸಾಕಿತ್ತು. “ಕೋಳಿ ಬಾಯಿ ತಕ್ಕೊಂಡ ನಿಂತಾವ. ಕೆಂಚಿ ರೆಕ್ಕಿ ಇಳಿಬಿಟ್ಟೈತಿ.”

“ನೀರ ತುಂಬೀರಿಲ್ಲೋ?”

“ತುಂಬೇನಿ. ಖಾಲಿ ಆತು. ಮತ್ತ ತುಂಬಿದೆ. ಅದೂ ಖಾಲಿ ಆತು.”

“ಖಾಲಿ ಆತು ಅಂದ್ರ ಕುಡದಂಗ ಅಲ್ಲೇನ್ರಿ? ಹೊಟ್ಟಿ ತುಂಬ ಕುಡದ ಕೋಳಿ ಬಾಯಿ ಯಾಕ ತಗೀತಾವ? ಸುಳ್ಳ ಹೇಳಾಕರೆ ಸರಿಯಾಗಿ ಕಲೀರಿ!”

“ಯಶೂನ ಆಣಿ, ಖರೇ ಅದ! ಇವತ್ತ ಅಂಗಡಿಗೂ ಹೋಗಿಲ್ಲ ನಾನು, ಇವಕ್ಕ ಸಂಬಂಧ!”

“ಕೂಸಿನ ಆಣಿ ಬ್ಯಾರೆ! ಚುಕ್ಕಿನ ತಿಂದ್ರಿ, ಈಗ ನಮ್ಮವ್ವ ಕೊಟ್ಟ ಕೋಳಿನ್ನೂ...”

ಉಡಿ ತುಂಬಲು ಕೊಬ್ಬರಿ ಹಿಡಿದು ನಿಂತ ಹೆಂಗಸರು ಹಾಗೇ ಹಿಡಿದು ನಿಂತರು. ಇಷ್ಟು ಒಳ್ಳೆಯ ಜಗಳ ಕುಬಸದಲ್ಲಿ ಸಿಗುವುದು ಅಪರೂಪ. ರಾಜಾರಾಮ ವೀಡಿಯೋ ಕರೆ ಮಾಡಿ ತೋರಿಸಿದ. ಕೋಳಿಗಳೆಲ್ಲ ಕಿಟಕಿಯ ಕೆಳಗೆ ಒಟ್ಟಾಗಿ ನಿಂತು, ಕತ್ತು ಚಾಚಿ, ಕೂಲರನ್ನೇ ನೋಡುತ್ತಿದ್ದವು.

“ಅವು ಕೂಲರ್ ಯಾಕ ನೋಡಾಕತ್ತಾವ?”

“ಸೆಕಿಗೆ ಅವಕ್ಕೂ ಗಾಳಿ ಬೇಕಾಗಿರಬೇಕು. ಕೂಲರ್ ಈ ಕಡೆ ಹೊಳ್ಳಿಸಿ ಹಚ್ಚಲೇನು?”

ಆಮ್ರಪಾಲಿ ಫೋನು ಕತ್ತರಿಸಿದಳು. ತಂಗಿಯ ಉಡಿಯಲ್ಲಿ ಅಕ್ಕಿ, ಕೊಬ್ಬರಿ ಗಡಬಡಿಸಿ ತುಂಬಿದಳು. ತಂಗಿ ಕಣ್ಣಲ್ಲಿ ನೀರು ತಂದುಕೊಂಡು, “ಊಟರೆ ಮಾಡಿ ಹೋಗಕ್ಕಾ” ಎಂದಳು. ಅವ್ವ ಓಡಿಬಂದು ಹೋಳಿಗೆಯ ಡಬ್ಬಿಯನ್ನು ಚೀಲಕ್ಕೆ ತುರುಕಿದಳು. ಬಸ್ಸಿನುದ್ದಕ್ಕೂ ಆಮ್ರಪಾಲಿ ಗಂಡನಿಗೆ ಹೇಳಬೇಕಾದ ಮಾತುಗಳನ್ನು ಮಸೆಯುತ್ತ ಬಂದಳು. ಬಬಲೇಶ್ವರ ದಾಟುವಾಗ ಆ ಬೈಗುಳದಲ್ಲಿ ಅವನೊಬ್ಬನೇ ಇದ್ದ. ವಿಜಯಪುರದಲ್ಲಿ ಬಸ್ಸು ಬದಲಿಸುವಾಗ ಅವನ ಕಾಕಾ ಸೇರಿಕೊಂಡ. ತಿಕೋಟಾದಲ್ಲಿ ಇಳಿಯುವಷ್ಟರಲ್ಲಿ ಇಡೀ ವಂಶ ತಯಾರಾಗಿತ್ತು.

ಹಿತ್ತಲ ಬಾಗಿಲು ನೂಕಿ ಬಾಯಿ ತೆರೆದಳು. ಬಾಯಿ ಹಾಗೇ ನಿಂತಿತು.

ಬೇವಿನ ನೆರಳಲ್ಲಿ, ಆಕೆಯ ತಾಟಿಗೆ ಮೂತಿಯಿಟ್ಟು, ಗೋಡೆ ಹಾರಿ ಬಂದ ಸುಗರಾಬಿಯ ಆಡು ಸರಸರನೆ ನೀರು ಹೀರುತ್ತಿತ್ತು. ಕುಡಿದಷ್ಟೂ ಕ್ಯಾನಿನಿಂದ ನೀರು ವಿಧೇಯವಾಗಿ ಇಳಿಯುತ್ತಿತ್ತು. ಯಂತ್ರದಲ್ಲಿ ಒಂದು ದೋಷವೂ ಇರಲಿಲ್ಲ. ಅತ್ತ ಕಿಟಕಿಯ ಕೆಳಗೆ ರಾಜಾರಾಮ ಬೇವಿಗೆ ಬೆನ್ನು ಮಾಡಿ, ಬೆವರುತ್ತ, ಕೋಳಿಗಳ ಮೇಲೆ ಛತ್ರಿ ಹಿಡಿದು ನಿಂತಿದ್ದ. ಕುಳಿ ಒಣಗಿ ಬಿರುಕು ಬಿಟ್ಟಿತ್ತು. ಆ ಬಿರುಕಿನಲ್ಲಿ ಕೆಂಚಿ ಕೊಕ್ಕು ತೂರಿಸಿ ನೋಡಿತು. ತಲೆಯೆತ್ತಿ ಕೂಲರಿನ ಬುಡ ನೋಡಿತು, ಮೊದಲು ಹನಿ ತೂಗುತ್ತಿದ್ದ ಜಾಗವನ್ನು. ಮತ್ತೆ ನೆಲ ನೋಡಿತು.

ಯುಗಾದಿಯಿಂದ ಕೋಳಿಗಳು ಎಲ್ಲಿ ನೀರು ಕುಡಿಯುತ್ತಿದ್ದವು ಎಂಬುದು ಆಮ್ರಪಾಲಿಗೆ ಆಗ ತಿಳಿಯಿತು. ಪೈಪಿನಲ್ಲಿ ಅಲ್ಲ, ಡೋಣಿಯಲ್ಲಿ ಅಲ್ಲ, ತನ್ನ ತಾಟಿನಲ್ಲಂತೂ ಒಂದು ದಿನವೂ ಅಲ್ಲ. ಆ ನೀರನ್ನು ನಿಲ್ಲಿಸಿದವರು ಯಾರೆಂಬುದೂ ತಿಳಿಯಿತು.

ಕರೆತಂದ ವಂಶವನ್ನೆಲ್ಲ ಹಾಗೇ ವಾಪಸು ಕಳಿಸಿ, ಆಕೆ ಮೆಲ್ಲಗೆ ಅಂದಳು: “ಮಳಿ, ಹಾತೋಡಿ ತರ್ರಿ.”

ರಾಜಾರಾಮ ಛತ್ರಿ ಮಡಚಿ ಒಳಗೆ ಓಡಿದ. ಮೊಳೆ, ಸುತ್ತಿಗೆ ತಂದುಕೊಟ್ಟು ಸ್ಟೂಲು ಹಿಡಿದು ನಿಂತ. ಆಮ್ರಪಾಲಿ ಹತ್ತಿ, ಆರಿಫ ಮೆತ್ತಿದ ಲಪ್ಪದ ನಟ್ಟನಡುವೆ ಮೊಳೆಯಿಟ್ಟು ಹೊಡೆದಳು. ಟಪ್. ಸ್ವಲ್ಪ ತಡೆದು, ಟಪ್. ಕೆಂಚಿ ಕೊಕ್ಕಿನಲ್ಲಿ ಹನಿ ಹಿಡಿದು, ತಲೆಯೆತ್ತಿ, ಕಣ್ಣು ಮುಚ್ಚಿ ನುಂಗಿತು. ಉಳಿದವು ನುಗ್ಗಿದವು. ಸ್ಟೂಲಿನ ಮೇಲೆ ನಿಂತೇ ಆಮ್ರಪಾಲಿ ಸೆರಗಿನಿಂದ ಕಣ್ಣೊರೆಸಿಕೊಂಡಳು.

“ಹಂಗಾದ್ರ ಚುಕ್ಕಿ ಲೆಕ್ಕ ಇಲ್ಲಿಗೆ ಚುಕ್ತಾ...” ಎಂದು ಶುರುಮಾಡಿದ ರಾಜಾರಾಮ.

ಆಕೆಯ ಕೈಯಲ್ಲಿ ಇನ್ನೂ ಸುತ್ತಿಗೆ ಇತ್ತು. ಅವನು ಹೋಳಿಗೆಯ ಡಬ್ಬಿ ಎತ್ತಿಕೊಂಡು ಒಳಗೆ ಹೋದ.

ಹೇಳಿದ ಮಾತಿನಂತೆ ಶುಕ್ರವಾರ ಆರಿಫ ಬಂದ. ಹಿತ್ತಲಿಗೆ ಕಾಲಿಟ್ಟವನ ಮುಖ ಟಪ್ ಟಪ್ ಸದ್ದು ಕೇಳಿ ಕಪ್ಪಿಟ್ಟಿತು.

“ಯಾ ಅಲ್ಲಾ! ಸೋರಾಕತ್ತೈತಲ್ರಿ ಅಕ್ಕಾರ! ಸರೀರಿ, ಒಂದ ಪೈಸಾ ಬ್ಯಾಡ, ನನ್ನ ಮರ್ಯಾದಿ ಪ್ರಶ್ನೆ ಇದು...”

“ಮುಟ್ಟಿ ನೋಡ ಮತ್ತ!”

ಯುಗಾದಿಯಿಂದ ಕೋಳಿಗಳನ್ನು ಓಡಿಸಿದ್ದ ಅದೇ ಕಸಬರಿಗೆ ಹಿಡಿದು, ಸೋರುವ ಕೂಲರಿಗೆ ಬೆನ್ನು ಕೊಟ್ಟು ಆಮ್ರಪಾಲಿ ಅಡ್ಡ ನಿಂತಿದ್ದಳು. ಕಾಲ ಬಳಿ ಕೆಂಚಿ ನೀರು ಕುಡಿಯುತ್ತಿತ್ತು. ಒಳಗೆ, ಆ ಕೂಲರಿನ ತಂಪು ಗಾಳಿಯಲ್ಲಿ, ತಾಯಿ ಮಗ ಇಬ್ಬರೂ ದಿಂಬಿಗೆ ಮುಖ ಒತ್ತಿಕೊಂಡು ನಗುತ್ತಿರುವುದು ಆಕೆಗೆ ಕೇಳಿಸುತ್ತಿತ್ತು. ಸಿಟ್ಟಂತೂ ಬಹಳ ಬಂತು. ಆದರೆ ಯಾರ ಮೇಲೆ ಎಂದು ಗೊತ್ತಾಗಲಿಲ್ಲ.