ಸಾಕ್ಷ್ಯಚಿತ್ರದಲ್ಲಿ ನಾನು ಮೆಟ್ಟಿಲು ಹತ್ತಿದ್ದು

ಇಳಕಲ್ಲಿನ ಕಾಲೇಜಿನಲ್ಲಿ ಇತಿಹಾಸ ಪಾಠ ಮಾಡಿ ನಿವೃತ್ತನಾದ ನನಗೆ, ಬಾದಾಮಿಯ ಗುಹೆಗಳ ಬಗ್ಗೆ ಮಾತಾಡುವ ಯೋಗ್ಯತೆ ಈ ಜಿಲ್ಲೆಯಲ್ಲಿ ಇನ್ನಾರಿಗೂ ಇಲ್ಲವೆಂಬ ವಿಷಯದಲ್ಲಿ ಎಂದೂ ಅನುಮಾನವಿರಲಿಲ್ಲ. ಆದ್ದರಿಂದ ಬೆಂಗಳೂರಿನ ನಿರ್ದೇಶಕನೊಬ್ಬ ಫೋನ್ ಮಾಡಿ, "ಮಕ್ಕಳಿಗೋಸ್ಕರ ಸಾಕ್ಷ್ಯಚಿತ್ರ ಮಾಡ್ತಿದೀವಿ, ತಜ್ಞರಾಗಿ ನೀವು ಬರ್ಬೇಕು ಸಾರ್" ಎಂದಾಗ ನನಗೆ ಆಶ್ಚರ್ಯವಾಗಲಿಲ್ಲ. ಇಷ್ಟು ತಡ ಮಾಡಿದರಲ್ಲ ಎಂದು ಸಿಟ್ಟು ಬಂತು!

ಹೊಸ ಕೋಟು ಹೊಲಿಸಿದೆ. ಬೀಗರಿಗೆ, ಹಳೆಯ ಸಹೋದ್ಯೋಗಿಗಳಿಗೆ, ಕ್ಷೌರದಂಗಡಿಯವನಿಗೆ ಸುದ್ದಿ ಮುಟ್ಟಿಸಿದೆ. ನಾನು ಬಾಯಿ ತೆರೆದರೆ ಏನೋ ನೆನಪಾದಂತೆ ಒಳಗೆ ಹೋಗಿಬಿಡುವ ಪಕ್ಕದ ಮನೆಯ ಸಂಗಪ್ಪನನ್ನೂ ಹಿಡಿದು ನಿಲ್ಲಿಸಿ ಹೇಳಿದೆ.

ಬಾದಾಮಿಯಲ್ಲಿ ನಿರ್ದೇಶಕ ನನ್ನ ಕೋಟು ನೋಡಿ ಮುಖ ಸಿಂಡರಿಸಿದ. "ಲೋಕಲ್ ಟಚ್ ಬೇಕು ಸಾರ್." ಕೋಟು ಬಿಚ್ಚಿಸಿ ತಲೆಗೆ ಪಟಗ ಸುತ್ತಿಸಿದ. ನನ್ನ ಆಯುಷ್ಯದಲ್ಲಿ ನಾನು ಪಟಗ ಸುತ್ತಿದವನಲ್ಲ!

"ಈಗ ಏನೋ ಯೋಚನೆ ಮಾಡ್ತಾ ಮೆಟ್ಟಿಲು ಹತ್ತಿ."

ಹತ್ತಿದೆ. ಮಂಗವೊಂದು ಅಡ್ಡ ಬಂತು. ಇಳಿದು ಮತ್ತೆ ಹತ್ತಿದೆ. ಮೋಡ ಬಂತು. ಮತ್ತೆ ಹತ್ತಿದೆ.

"ಇನ್ನೂ ಆಳವಾಗಿ ಯೋಚನೆ ಮಾಡಿ ಸಾರ್!"

ನಾನು ಆಳವಾಗಿ ಯೋಚಿಸುತ್ತಿದ್ದುದು ಅವನನ್ನು ಅಲ್ಲಿಂದ ಕೆಳಗೆ ನೂಕುವ ಬಗ್ಗೆ.

ಅಂತೂ ಗುಹೆಯೊಳಗೆ ನನ್ನ ಬಾಯಿಗೆ ಅವಕಾಶ ಸಿಕ್ಕಿತು. ಬೆಳಕಿಗೆ ಹೊಳೆಯುತ್ತದೆಂದು ಕನ್ನಡಕ ತೆಗೆಸಿದರು. ಮಸುಕಿನಲ್ಲೇ ಕೈಯೆತ್ತಿ ಗರ್ಜಿಸಿದೆ: "ಮಕ್ಕಳೇ, ಇಗೋ ನರಸಿಂಹ! ಈ ಸಿಂಹಮುಖದ ಗಾಂಭೀರ್ಯ ನೋಡಿ!"

ಬುತ್ತಿಗಂಟು ಹಿಡಿದು ಬದಿಗೆ ನಿಂತಿದ್ದ ನನ್ನ ಹೆಂಡತಿ ಗಿರಿಜಾಗೆ ತಡೆಯಲಾಗಲಿಲ್ಲ. "ಏನ್ರೀ, ಆ ಸಿಂಹಕ್ಕ ಹಂದಿ ಮಾರಿ ಹೆಂಗ ಬಂತ್ರಿ?"

ಅದು ವರಾಹ! ಇಂಥ ತಪ್ಪಿಗೆ ಎಷ್ಟು ಹುಡುಗರನ್ನು ಕ್ಲಾಸಿನಿಂದ ಹೊರಗೆ ಹಾಕಿದ್ದೇನೆ! ಇಲ್ಲಿ ನನ್ನನ್ನು ಹೊರಗೆ ಹಾಕುವವರೇ ಇರಲಿಲ್ಲ. ನಿರ್ದೇಶಕ, "ಸೂಪರ್ ಸಾರ್!" ಎಂದ. ಆ ಮಹಾಶಯನಿಗೆ ಸಿಂಹವೂ ಒಂದೇ, ಹಂದಿಯೂ ಒಂದೇ.

"ತಡೀರಿ, ಇನ್ನೊಮ್ಮೆ ಹೇಳ್ತೇನಿ" ಎಂದು ಅಂಗಲಾಚಿದೆ.

"ಬೆಳಕು ಹೋಯ್ತು ಸಾರ್. ಎಡಿಟಿಂಗಲ್ಲಿ ನೋಡ್ಕೋತೀವಿ."

ಅಂದಿನಿಂದ ನನ್ನ ನಿದ್ದೆ ಹಾರಿತು. ಊರೆಲ್ಲ ನೋಡಲೆಂದು ಡಂಗುರ ಸಾರಿದವನು ಈಗ ಯಾರೂ ನೋಡದಿರಲೆಂದು ಹರಕೆ ಹೊತ್ತೆ. ಆದರೂ ಚಿತ್ರ ಬಂದ ದಿನ ನಮ್ಮ ಪಡಸಾಲೆ ತುಂಬಿತು. ಕರೆದವನು ನಾನೇ, ಬರಬೇಡಿ ಎನ್ನುವುದು ಹೇಗೆ?

ಟಿವಿಯಲ್ಲಿ ನಾನು ಮೆಟ್ಟಿಲು ಹತ್ತಿದೆ. ಕುಂಟುತ್ತ, ನರಳುತ್ತ ಹತ್ತಿದೆ. ಕೆಳಗೆ ಅಕ್ಷರ ಮೂಡಿತು: 'ಸ್ಥಳೀಯ ರೈತ.' ಗುಹೆಯೊಳಗೆ ಬಾಯಿ ತೆರೆದೆ. ನನ್ನ ದನಿಯೇ ಬರಲಿಲ್ಲ. ಯಾರೋ ಹೆಣ್ಣುಮಗಳ ದನಿ, "ಇಲ್ಲಿನ ಜನರ ಮುಖ್ಯ ಆಹಾರ ಜೋಳದ ರೊಟ್ಟಿ" ಎಂದಿತು. ಮುಗಿಯಿತು ನನ್ನ ಪಾಂಡಿತ್ಯ!

ಸಂಗಪ್ಪ ಎದ್ದು ನನ್ನ ಕೈ ಕುಲುಕಿದ. "ಸರ್ರ, ನೀವು ಇಷ್ಟ ಕಮ್ಮಿ ಮಾತಾಡಿದ್ದು ಇದ ಮೊದಲ ಸಲ ನೋಡ್ರಿ. ಭಾಳ ಚೊಲೋ ಆತು!"

ಇನ್ನು ಜನ್ಮದಲ್ಲಿ ಕ್ಯಾಮೆರಾದವರ ಮುಖ ನೋಡುವುದಿಲ್ಲವೆಂದು ಶಪಥ ಮಾಡಿದೆ. ಸ್ವಲ್ಪ ದಿನಕ್ಕೆ ಅದೇ ನಿರ್ದೇಶಕನ ಫೋನು.

"ಸಾರ್, ನಿಮ್ಮ ನಡಿಗೆ ಎಲ್ರಿಗೂ ಹಿಡಿಸ್ತು. ಮಂಡಿನೋವಿನ ಬಗ್ಗೆ ಒಂದು ಚಿತ್ರ ಮಾಡ್ತಿದೀವಿ. ಮಾತೇನೂ ಇರಲ್ಲ."

ಬಾಯಿಗೆ ಬಂದಂತೆ ಬೈಯಲೆಂದು ಗಂಟಲು ಸರಿಮಾಡಿಕೊಂಡೆ.

"ಶೂಟಿಂಗ್ ಯಾವತ್ತ್ರಿ?" ಎಂದು ಕೇಳಿದೆ.