ಹಪ್ಪಳದ ಚೀನಾ

ಬಂಟ್ವಾಳ ಪೇಟೆಯಲ್ಲಿ ಚೀನಾ ದೇಶವನ್ನು ತೆಂಗಿನೆಣ್ಣೆಯಲ್ಲಿ ಕರಿದು, ಗಂಜಿಗೆ ನೆಂಚಿಕೊಂಡು ಉಂಡ ಮನೆ ಯಾವುದಾದರೂ ಇದ್ದರೆ ಅದು ನಮ್ಮದೊಂದೇ! ನಂಬದಿದ್ದರೆ ಬಿಡಿ. ನಮ್ಮ ದೊಡ್ಡಮ್ಮನನ್ನು ನೋಡಿದವರಿಗೆ ಇದನ್ನು ನಂಬಿಸಬೇಕಾಗಿಲ್ಲ, ನೋಡದವರಿಗೆ ನಂಬಿಸಲು ನನ್ನಿಂದ ಸಾಧ್ಯವೂ ಇಲ್ಲ.

ದೊಡ್ಡಮ್ಮ ಎಂದರೆ ನನ್ನ ಗಂಡನ ದೊಡ್ಡಮ್ಮ. ದೊಡ್ಡಪ್ಪ ಒಂದು ಕಾಲದಲ್ಲಿ ಕಡಲಾಚೆಯ ಪಿನಾಂಗಿನಲ್ಲಿ ಸಣ್ಣ ಹೋಟೆಲು ಇಟ್ಟಿದ್ದರು. ಮಹಾಯುದ್ಧ ಮುಗಿದದ್ದೇ ಅದನ್ನು ಯಾರಿಗೋ ಕೊಟ್ಟು ಊರಿಗೆ ಮರಳಿದರು. ಪರದೇಶದಿಂದ ಬಂದವರು ಗಡಿಯಾರ ತರುತ್ತಾರೆ, ಪಿಂಗಾಣಿ ತರುತ್ತಾರೆ. ದೊಡ್ಡಮ್ಮ ತಂದದ್ದು ಮಾತು. ಹೋಟೆಲಿಗೆ ಸಾಮಾನು ತರುವುದು ಅವರ ಕೆಲಸವಾಗಿತ್ತು. ಅಲ್ಲಿ ಮಾರುವವರೆಲ್ಲ ಚೀನಾದಿಂದ ಬಂದು ನೆಲೆಸಿದವರು. ಆದರೆ ಮೀನಿನವಳು ಆಡುವ ಮಾತು ಅಂಗಡಿಯವನಿಗೆ ಅರ್ಧ ಮಾತ್ರ ಅರ್ಥವಾಗುತ್ತದೆ, ಬಡಗಿಯದ್ದು ಇಬ್ಬರಿಗೂ ತಿಳಿಯುವುದಿಲ್ಲ, ಚಪ್ಪಲಿ ಹೊಲಿಯುವವನದ್ದು ಬೇರೆಯೇ ಒಂದು. ಜಗಳವಾಡದೆ ಸಾಮಾನು ಕೊಳ್ಳುವುದು ನಮ್ಮ ದೊಡ್ಡಮ್ಮನ ಜಾತಕದಲ್ಲೇ ಇಲ್ಲ. ಜಗಳಕ್ಕೆ ಭಾಷೆ ಬೇಡವೇ? ಹೀಗೆ ಹೊಕ್ಕಿಯನ್, ತಿಯೋಚು, ಕಾಂಟನ್, ಹಕ್ಕಾ ಎಂದು ನಾಲ್ಕು ಬಗೆಯ ಚೀನೀ ಮಾತುಗಳನ್ನು ಅವರು ಬೈಗುಳದ ಕಡೆಯಿಂದ ಕಲಿತುಕೊಂಡು ಬಂದಿದ್ದರು. ಹೋಟೆಲಿನಲ್ಲಿ ಕಾಫಿ ಮಾಡುತ್ತಿದ್ದ ಹೈನಾನ್ ದ್ವೀಪದವನಿಂದ ಐದನೆಯದೂ ಒಂಚೂರು ಬಂದಿತ್ತಂತೆ. "ಅವನು ಪಾಪ, ಬೈಯುವ ಹಾಗೆ ಇರಲಿಲ್ಲ. ಅದಕ್ಕೆ ಸರಿಯಾಗಿ ಕಲಿಯಲಿಕ್ಕೆ ಆಗ್ಲಿಲ್ಲ" ಎನ್ನುತ್ತಿದ್ದರು.

ಈ ಜಗಳಗಳಿಂದ ಅವರಿಗೆ ಒಂದು ವಿದ್ಯೆ ಕೈವಶವಾಗಿತ್ತು. ಯಾರೇ ಬಾಯಿ ತೆರೆಯಲಿ, ಅವರ ಊರು ಹೇಳಿಬಿಡುವುದು! ನನ್ನನ್ನು ನೋಡಲು ಮೂಡುಬಿದಿರೆಗೆ ಬಂದಾಗ ನಾನು ಆಡಿದ್ದು ಒಂದೇ ಮಾತು, ಕಾಫಿಗೆ ಸಕ್ಕರೆ ಸಾಕೇ ಎಂದು. ದೊಡ್ಡಮ್ಮ ಲೋಟ ಕೆಳಗಿಟ್ಟರು.

"ಈ ಹುಡುಗಿ ಮೂಡುಬಿದಿರೆಯವಳಲ್ಲ. ಬೆಳುವಾಯಿಯವಳು."

ನನ್ನ ತಂದೆಯ ಮುಖ ಬಿಳುಚಿಕೊಂಡಿತು. ನಾನು ಸಣ್ಣವಳಿದ್ದಾಗ ಬೆಳುವಾಯಿಯ ಅಜ್ಜಿಮನೆಯಲ್ಲೇ ಬೆಳೆದದ್ದು ಹೌದು. ಅದನ್ನು ಅವರು ಮುಚ್ಚಿಟ್ಟಿರಲಿಲ್ಲ, ಯಾರೂ ಕೇಳಿರಲಿಲ್ಲ ಅಷ್ಟೆ. ಆದರೆ ಸಿಕ್ಕಿಬಿದ್ದವರ ಹಾಗೆ ಬೆವರಿದರು. "ಗಾಬರಿ ಎಂಥದ್ದು? ಒಳ್ಳೆಯ ಊರೇ" ಎಂದು ದೊಡ್ಡಮ್ಮ ಲೋಟವನ್ನು ಮತ್ತೆ ಎತ್ತಿಕೊಂಡರು. ನನ್ನ ಮದುವೆ ನಿಶ್ಚಯವಾದದ್ದು ಹಾಗೆ.

ಆ ದಿನಗಳಲ್ಲಿ ಬಂಟ್ವಾಳದಲ್ಲಿ ದೊಡ್ಡಮ್ಮನಿಗೆ ಇದ್ದ ಮರ್ಯಾದೆಯೇ ಮರ್ಯಾದೆ! ಮದುವೆಮನೆಗೆ ಹೋದರೆ ಹೆಂಗಸರು ಸುತ್ತ ಕೂತು, "ಆ ಮೀನಿನವಳ ಜಗಳ ಹೇಳಿ, ಚೀನೀ ಭಾಷೆಯಲ್ಲೇ ಹೇಳಿ" ಎಂದು ಪೀಡಿಸುತ್ತಿದ್ದರು. ದೊಡ್ಡಮ್ಮ ಸೆರಗು ಸಿಕ್ಕಿಸಿ ಎರಡೂ ಪಾತ್ರ ಮಾಡುತ್ತಿದ್ದರು. ನಗದಿದ್ದವರು ಒಬ್ಬರೇ, ಪಕ್ಕದ ಮನೆಯ ಭವಾನಿಯಕ್ಕ. "ಸುಳ್ಳಾದರೂ ನಮಗೆ ಗೊತ್ತಾಗುವುದು ಹೇಗೆ?" ಎನ್ನುವುದು ಅವರ ಪ್ರಶ್ನೆ. ನ್ಯಾಯವಾದ ಪ್ರಶ್ನೆಯೇ ಅನ್ನಿ.

ಗೊತ್ತಾಗುವ ದಿನ ಬಂದೇ ಬಂತು. ಒಂದು ಬೇಸಗೆ, ಬಟ್ಟೆಯ ಗಂಟು ಹೊತ್ತ ಒಬ್ಬ ಚೀನೀಯವನು ಬಸ್ಸಿನಿಂದಿಳಿದು ನಮ್ಮ ಬೀದಿಗೆ ಬಂದ. ಮದುವೆಯ ಕಾಲ ನೋಡಿಕೊಂಡು ಸಿಲ್ಕು ಮಾರಲು ಊರೂರು ತಿರುಗುವವನು. ಭವಾನಿಯಕ್ಕ ಅವನನ್ನು ಸಾಕ್ಷಿಯನ್ನು ಹಿಡಿದು ತರುವ ಹಾಗೆ ನಮ್ಮ ಜಗಲಿಗೆ ಕರೆತಂದರು. ಹಿಂದೆ ಅರ್ಧ ಬೀದಿಯೇ ಬಂತು. ದೊಡ್ಡಮ್ಮನ ಮುಖ ಅರಳಿತು. ಎಷ್ಟು ವರ್ಷದ ಮೇಲೆ! ಹೊಕ್ಕಿಯನ್‌ನಲ್ಲಿ ಏನೋ ಕೇಳಿದರು.

ಅವನು ನಕ್ಕು ತಲೆಯಾಡಿಸಿದ. "ಗೊತ್ತುಜ್ಜಿ ಅಕ್ಕ" ಎಂದ.

ಗೊತ್ತಿಲ್ಲವಂತೆ! ಅದೂ ಸ್ವಚ್ಛ ತುಳುವಿನಲ್ಲಿ! ಜನ ಗೊಳ್ಳೆಂದು ನಕ್ಕರು. ದೊಡ್ಡಮ್ಮ ಕಾಂಟನ್ ಮಾತಿಗೆ ಹೊರಳಿದರು. ಗೊತ್ತುಜ್ಜಿ. ತಿಯೋಚು? ಗೊತ್ತುಜ್ಜಿ. ಹಕ್ಕಾ? ಅವನು ಪಾಪ, ಕಿವಿಯ ಹತ್ತಿರ ಕೈ ಇಟ್ಟು ಬಗ್ಗಿ ಬಗ್ಗಿ ಕೇಳಿದ. ಆಮೇಲೆ ಅವನೇ ತನ್ನ ಮಾತಿನಲ್ಲಿ ಏನೋ ಉದ್ದಕ್ಕೆ ಹೇಳಿದ. ಈ ಬಾರಿ ದೊಡ್ಡಮ್ಮ ಕಣ್ಣು ಪಿಳಿಪಿಳಿ ಬಿಟ್ಟರು. ಊರು ಹೇಳುವ ವಿದ್ಯೆಯೂ ಅಲ್ಲಿಗೆ ನಿಂತಿತು. ಕೊನೆಗೆ ಇಬ್ಬರೂ ಒಂದು ರವಿಕೆ ಕಣಕ್ಕಾಗಿ ತುಳುವಿನಲ್ಲೇ ಚೌಕಾಶಿ ಮಾಡಿದರು. "ಒಂತೆ ಕಡ್ಮೆ ಮಲ್ಪುಲೆ", ಸ್ವಲ್ಪ ಕಡಿಮೆ ಮಾಡಿ ಎಂದು ಇವರು, "ಆಪುಜಿ ಅಕ್ಕ, ಆಪುಜಿ", ಆಗುವುದಿಲ್ಲ ಎಂದು ಅವನು.

"ಚೀನಾದವನಿಗೇ ಅರ್ಥ ಆಗದ ಚೀನೀ ಭಾಷೆ! ಅದನ್ನು ನಾನೂ ಮಾತಾಡ್ತೇನೆ, ಕೇಳ್ತೀರಾ?" ಎಂದರು ಭವಾನಿಯಕ್ಕ.

ಸಾಕ್ಷಿ ಹೇಳಲು ದೊಡ್ಡಪ್ಪನನ್ನು ಕರೆದರು. ಅವರು ನಶ್ಯದ ಡಬ್ಬಿ ಮುಚ್ಚಿ, "ನನಗೆ ಗೊತ್ತಿಲ್ಲ ಮಾರಾಯ್ರೆ. ನಾನು ಇದ್ದದ್ದು ಗಲ್ಲಾಪೆಟ್ಟಿಗೆಯ ಹತ್ತಿರ, ಮಾರ್ಕೆಟಿಗೆ ಹೋದವನಲ್ಲ. ನನ್ನನ್ನು ಇವಳು ಬೈಯುವುದು ತುಳುವಿನಲ್ಲೇ" ಎಂದರು. ಇಂಥ ಗಂಡನನ್ನು ಕಟ್ಟಿಕೊಂಡು ಯಾವ ಹೆಂಗಸು ತಾನೇ ಗೆದ್ದಾಳು!

ಅಂದಿನಿಂದ ಮದುವೆಮನೆಗಳಲ್ಲಿ ಪಿನಾಂಗಿನ ಕಥೆ ಯಾರೂ ಕೇಳಲಿಲ್ಲ. ದೊಡ್ಡಮ್ಮ ಹತ್ತಿರ ಬಂದರೆ ಹೆಂಗಸರು ಸೆರಗನ್ನು ಬಾಯಿಗೆ ಒತ್ತಿಕೊಳ್ಳುತ್ತಿದ್ದರು. ಪಿನಾಂಗಿನಲ್ಲಿ ಇವರು ಅಡುಗೆಮನೆ ಬಿಟ್ಟು ಹೊರಗೆ ಬಂದಿದ್ದೇ ಸುಳ್ಳು ಎನ್ನುವವರೆಗೆ ಮಾತು ಬೆಳೆಯಿತು. ಆ ಬೇಸಗೆ ದೊಡ್ಡಮ್ಮ ಸರಿಯಾಗಿ ಉಣ್ಣಲಿಲ್ಲ. ನನಗೆ ನಿಜವಾಗಿ ಬೇಸರವಾಗಿತ್ತು, ಯಾಕೆಂದರೆ ಬೆಳುವಾಯಿಯನ್ನು ಒಂದು ಲೋಟ ಕಾಫಿಯಲ್ಲಿ ಕಂಡುಹಿಡಿದವರು ಸುಳ್ಳು ಹೇಳುವವರಲ್ಲ ಎಂದು ನನಗೆ ಗೊತ್ತಿತ್ತು.

ಒಂದು ದಿನ ದೊಡ್ಡಮ್ಮ ಹಲಸಿನ ಸೊಳೆ ಬಿಡಿಸುತ್ತಾ ಇದ್ದಕ್ಕಿದ್ದಂತೆ ಕೇಳಿದರು. "ನೀನು ಎಸ್ಸೆಸ್ಸೆಲ್ಸಿ ಅಲ್ವಾ? ಚೀನಾದ ನಕ್ಷೆ ಬರೆಯಲಿಕ್ಕೆ ಬರ್ತದಾ?"

"ನೋಡಿ ಬರೀತೇನೆ. ಯಾಕೆ?"

"ನಮ್ಮ ಈ ಇಷ್ಟೇ ಇಷ್ಟು ಪೇಟೆಯಲ್ಲಿ ತುಳು ಉಂಟು, ಕೊಂಕಣಿ ಉಂಟು, ಬ್ಯಾರಿ ಉಂಟು, ಕನ್ನಡ ಉಂಟು. ಅಷ್ಟು ದೊಡ್ಡ ದೇಶದಲ್ಲಿ ಒಂದೇ ಮಾತು ಇರಲಿಕ್ಕೆ ಅದೇನು ದನದ ಹಟ್ಟಿಯಾ? ಎಲ್ಲಿ ಯಾವ ಮಾತು ಅಂತ ಇಟ್ಟು ತೋರಿಸ್ತೇನೆ. ಆ ಭವಾನಿ ನೋಡ್ಲಿ!"

ಬಾಯಿಯಲ್ಲಿ ಹೇಳಿದರೆ ನಂಬದ ಊರಿಗೆ ಕಣ್ಣಿಗೇ ತೋರಿಸಬೇಕು ತಾನೆ? ಶಾಲೆಯಿಂದ ನಕ್ಷೆಯ ಪುಸ್ತಕ ತಂದೆ. ಅಂಗಳದಲ್ಲಿ ದೊಡ್ಡ ಚಾಪೆ ಹಾಸಿ, ಸುಣ್ಣದ ನೀರಿನಲ್ಲಿ ಚೀನಾದ ಗಡಿ ಎಳೆದೆ. ಹಪ್ಪಳದ ಕಾಲ, ಒಣಗಿಸಲು ಹೇಗೂ ಚಾಪೆ ಬೇಕು. ಉತ್ತರಕ್ಕೆಲ್ಲ ಹಲಸಿನ ಹಪ್ಪಳ. "ಮೇಲಿನವರ ಮಾತು ಊರಿಂದ ಊರಿಗೆ ಸ್ವಲ್ಪ ಸ್ವಲ್ಪ ಬೇರೆ, ಆದರೂ ಒಬ್ಬರಿಗೊಬ್ಬರಿಗೆ ತಿಳೀತದೆ ಅಂತ ಪಿನಾಂಗಿನ ಅಂಗಡಿಯವನು ಹೇಳ್ತಿದ್ದ. ಎಲ್ಲ ಒಂದೇ ಹಿಟ್ಟು." ಕಿತಾಪತಿ ಎಲ್ಲ ದಕ್ಷಿಣದಲ್ಲಿ! ಕಾಂಟನ್ ಸುತ್ತ ಉದ್ದಿನ ಹಪ್ಪಳ, ಹೊಕ್ಕಿಯನ್ನರ ಕಡಲ ಬದಿಗೆ ಅಕ್ಕಿ ಸಂಡಿಗೆ, ಅದಕ್ಕೆ ತಾಗಿಯೇ ಇರುವ ತಿಯೋಚುವಿಗೆ ಅದೇ ಸಂಡಿಗೆ, ಆದರೆ ಜೀರಿಗೆ ಹಾಕಿದ್ದು. ಹಕ್ಕಾದವರು ಒಂದು ಕಡೆ ನಿಲ್ಲುವವರಲ್ಲ, ಗುಡ್ಡ ಕಂಡಲ್ಲಿ ಮನೆ ಕಟ್ಟಿದವರು. ಅವರಿಗೆ ಮಜ್ಜಿಗೆ ಮೆಣಸು, ಎಲ್ಲರ ನಡುವೆ ಅಲ್ಲೊಂದು ಇಲ್ಲೊಂದು. ಹೈನಾನ್ ದ್ವೀಪಕ್ಕೆ ಒಂದು ತುಂಡು ಮಾಂಬಳ. ಮಾವಿನ ರಸ ಒಣಗಿಸಿ ಮಾಡಿದ ಆ ಸಿಹಿ ಕಾಗೆಗೆ ಬಲು ಇಷ್ಟ. ಹೈನಾನ್ ಯಾವತ್ತೂ ಮಧ್ಯಾಹ್ನ ದಾಟಿ ಉಳಿದದ್ದಿಲ್ಲ!

ಸಂಜೆ ಎಲ್ಲವನ್ನೂ ಒಟ್ಟು ಮಾಡಿ ಡಬ್ಬಿಗೆ ತುಂಬುವುದು, ಬೆಳಿಗ್ಗೆ ಮತ್ತೆ ಚೀನಾ ಹರಡುವುದು. ರಾತ್ರಿ ಊಟಕ್ಕೆ "ಇವತ್ತು ಯಾವ ಮಾತು ಕರಿಯುವ?" ಎಂಬ ಪ್ರಶ್ನೆ. ದೊಡ್ಡಪ್ಪನಿಗೆ ಕಾಂಟನ್ ಆಗುತ್ತಿತ್ತು, ಹಕ್ಕಾ ತಿಂದರೆ ಹೊಟ್ಟೆಯುರಿ.

ಭವಾನಿಯಕ್ಕ ಬೇಲಿಯಿಂದಲೇ ನೋಡಿ ಹೇಳಿದರು. "ಹಪ್ಪಳ ನಿಮ್ಮದು, ಚಾಪೆ ನಿಮ್ಮದು. ಹೇಗೆ ಬೇಕಾದರೂ ಇಡಬಹುದಪ್ಪ. ಚೀನಾದವನು ಬಂದು ಹೌದು ಅನ್ಲಿ."

ಸರಿ, ಚೀನಾದವನು ಬರಬೇಕು. ಮರು ಬೇಸಗೆ ಅವನು ಬರಲಿಲ್ಲ. ಅದರ ಮುಂದಿನ ವರ್ಷ, ಅವನನ್ನು ಮೂಡುಬಿದಿರೆಯಲ್ಲಿ ಕಂಡೆವು ಎಂದು ಯಾರೋ ಹೇಳಿದ್ದೇ ಸಾಕಾಯಿತು. ದೊಡ್ಡಮ್ಮ ಇಡೀ ಚೀನಾವನ್ನು ಬುಟ್ಟಿಗೆ ತುಂಬಿಸಿ, ನನ್ನನ್ನೂ ಎಳೆದುಕೊಂಡು ಬಸ್ಸು ಹತ್ತಿದರು. ಮೂಡುಬಿದಿರೆಯಲ್ಲಿ ಕೇಳಿದರೆ ಅವನು ಬೆಳಿಗ್ಗೆಯೇ ಬೆಳ್ತಂಗಡಿಗೆ ಹೋದನಂತೆ. ಹೋಗುವ ಅಂದರು. ಆ ಬಸ್ಸಿನಲ್ಲಿ ಕಾಲಿಡಲು ಜಾಗವಿಲ್ಲ. ವೇಣೂರಿನ ತಿರುವಿನಲ್ಲಿ ಒಬ್ಬರು ದಪ್ಪ ಮನುಷ್ಯ ಬುಟ್ಟಿಯ ಮೇಲೆ ಕೂತೇಬಿಟ್ಟರು. ಬೆಳ್ತಂಗಡಿ ಮುಟ್ಟುವಾಗ ಉತ್ತರ ಯಾವುದು ದಕ್ಷಿಣ ಯಾವುದು ಎಂದು ಹೇಳುವ ಹಾಗಿರಲಿಲ್ಲ, ಎಲ್ಲ ಒಂದೇ ಪುಡಿ. ಚೀನೀಯವನೋ, ಘಾಟಿಯ ಬಸ್ಸು ಹತ್ತಿ ಆಗಿತ್ತು. ದೊಡ್ಡಮ್ಮ ಬಸ್‌ಸ್ಟ್ಯಾಂಡಿನ ಕಲ್ಲಿನ ಮೇಲೆ ಕೂತು ಸುಮ್ಮನೆ ಒಂದು ಹಿಡಿ ಚೀನಾ ಬಾಯಿಗೆ ಹಾಕಿಕೊಂಡರು. ಹಸಿ ಹಪ್ಪಳ! ನಾನು ಬೇಡ ಎನ್ನಲಿಲ್ಲ.

ಮುಂದಿನ ಬೇಸಗೆ ಅವನೇ ಬಂದ. ನಾವು ಹುಡುಕಿದ್ದು ಅವನಿಗೆ ಗೊತ್ತೂ ಇರಲಿಲ್ಲ. ಸಿಲ್ಕಿನ ಗಂಟು ಇಳಿಸಿ ಬೆವರು ಒರೆಸಿಕೊಳ್ಳುವಾಗ ಅಂಗಳದ ಚಾಪೆ ಕಣ್ಣಿಗೆ ಬಿತ್ತು. ಬೀದಿ ಮತ್ತೆ ಸೇರಿತು. ಭವಾನಿಯಕ್ಕ ಎಲ್ಲರಿಗಿಂತ ಮುಂದೆ.

ದೊಡ್ಡಮ್ಮ ಕಾಗೆ ಓಡಿಸುವ ಕೋಲಿನಿಂದ ಒಂದೊಂದೇ ಜಾಗ ತೋರಿಸಿ ಹೆಸರು ಹೇಳಿದರು. ಅವನು ಕುಕ್ಕರಗಾಲಿನಲ್ಲಿ ಕೂತ. ಕಡಲಿನ ಅಂಚನ್ನು ಬೆರಳಲ್ಲಿ ಹಿಂಬಾಲಿಸಿಕೊಂಡು ಮೇಲಕ್ಕೆ ಹೋದ. ಮತ್ತೆ ಎದ್ದು ಚಾಪೆಯ ಆಚೆ ಬದಿಗೆ ನಡೆದ. ಕಡಲಿಗೆ ಮೂತಿ ಚಾಚಿದ ಒಂದು ತುಂಡು ನೆಲ ಉಂಟಲ್ಲ ಉತ್ತರದಲ್ಲಿ, ಅಲ್ಲಿ ಮಾತ್ರ ನಾವು ಏನೂ ಇಟ್ಟಿರಲಿಲ್ಲ. ಪಕ್ಕದ ರಾಶಿಯಿಂದ ಒಂದು ಹಲಸಿನ ಹಪ್ಪಳ ಎತ್ತಿ ಅಲ್ಲಿಟ್ಟ.

"ಮೂಲು ಎನ್ನ ಇಲ್ಲ್" ಎಂದ. ಇಲ್ಲಿ ನನ್ನ ಮನೆ.

"ಕಂಡಿರಾ?" ದೊಡ್ಡಮ್ಮನ ಕೂಗು ಹೊಳೆಯ ಆಚೆ ದಡಕ್ಕೂ ಕೇಳಿರಬೇಕು. "ಇವನು ಅಲ್ಲಿಯವನು! ನಾನು ಕಲಿತದ್ದು ಇಲ್ಲಿಯದ್ದು, ಈ ಬುಡದಲ್ಲಿ! ಕಾಶಿಯವನ ಹತ್ತಿರ ತುಳು ಮಾತಾಡಿದರೆ ಅವನಿಗೆ ಅರ್ಥ ಆಗ್ತದಾ? ಹೇಳು ಭವಾನೀ, ಆಗ್ತದಾ?"

ಸಿಲ್ಕಿನವನು ಇನ್ನೂ ಆ ಹಪ್ಪಳದ ಮೇಲಿಂದ ಬೆರಳು ತೆಗೆದಿರಲಿಲ್ಲ. ದೊಡ್ಡಮ್ಮ ಕೋಲು ಬದಿಗಿಟ್ಟು ಮೆಲ್ಲಗೆ ಕೇಳಿದರು. "ಅಲ್ಪ ಏರ್ ಉಲ್ಲೆರ್?" ಅಲ್ಲಿ ಯಾರಿದ್ದಾರೆ?

"ಅಪ್ಪೆ" ಎಂದ. ತಾಯಿ.

ಆ ದಿನ ಅವನು ನಮ್ಮಲ್ಲಿ ಗಂಜಿ ಉಂಡು ಹೋದ. ಮರ್ಯಾದೆ ಮರಳಿತು, ಮದುವೆಮನೆಯಲ್ಲಿ ಮೀನಿನವಳು ಮತ್ತೆ ಜಗಳಕ್ಕೆ ನಿಂತಳು. ಆದರೆ ಅವನು ಇಟ್ಟ ಹಪ್ಪಳವನ್ನು ಕರಿಯಲು ದೊಡ್ಡಮ್ಮ ಬಿಡಲಿಲ್ಲ. ಅದಕ್ಕೆ ಬೇರೆ ಡಬ್ಬಿ. ಬಿಸಿಲಿಗೆ ಚಾಪೆ ಹಾಸಿದಾಗಲೆಲ್ಲ ಅದು ತನ್ನ ಜಾಗಕ್ಕೆ ಬಂದು ಕೂರುತ್ತಿತ್ತು.

ಆಮೇಲೆ ಗಡಿಯಲ್ಲಿ ಚೀನಾದೊಂದಿಗೆ ಯುದ್ಧವಾಯಿತು. ಊರೂರು ತಿರುಗುತ್ತಿದ್ದ ಚೀನೀಯವರನ್ನೆಲ್ಲ ಎಲ್ಲಿಗೋ ಸಾಗಿಸುತ್ತಿದ್ದಾರೆ ಎಂಬ ಸುದ್ದಿ ಬಂತು. ಮರು ಬೇಸಗೆ ದೊಡ್ಡಮ್ಮ ಚಾಪೆ ಹಾಸಿದರು. ನಾನು ಬೇಡ ಎಂದೆ, ದೊಡ್ಡಪ್ಪ ಬೇಡ ಎಂದರು. ಯಾರು ದೂರು ಕೊಟ್ಟರೋ, ಒಬ್ಬ ಪೋಲೀಸಿನವನು ಬಂದೇಬಿಟ್ಟ.

"ಇಲ್ಲಿ ಶತ್ರುದೇಶದ ನಕ್ಷೆ ಉಂಟಂತೆ?"

"ಉಂಟು. ಕರಿದು ಕೊಡ್ಲಾ, ಹಾಗೆಯೇ ಕೊಂಡುಹೋಗ್ತೀರಾ?" ಎಂದರು ದೊಡ್ಡಮ್ಮ.

ಅವನು ಜಗಲಿಯಲ್ಲಿ ಕೂತು ಕಾಂಟನ್ ಪೂರ್ತಿ, ಹೊಕ್ಕಿಯನ್ ಅರ್ಧ ತಿಂದು, ಸಾಕ್ಷ್ಯ ಏನೂ ಉಳಿದಿಲ್ಲ ಎಂದು ಖಚಿತ ಮಾಡಿಕೊಂಡು ಹೋದ.

ಸಿಲ್ಕಿನವನು ಆ ವರ್ಷ ಬರಲಿಲ್ಲ. ಮತ್ತೆಂದೂ ಬರಲಿಲ್ಲ. ಅವನ ಹಪ್ಪಳ ಮಾತ್ರ ಬೇಸಗೆ ಬೇಸಗೆಗೂ ಕಪ್ಪಾಗುತ್ತಾ ಬಂತು. "ಎಸೆಯುವ ದೊಡ್ಡಮ್ಮ, ಬೂಸ್ಟು ಹಿಡಿದಿದೆ" ಎಂದರೆ, "ಅದು ನಮ್ಮದಲ್ಲ ಮಾರಾಯ್ತಿ, ಅವನ ಮನೆ" ಎನ್ನುತ್ತಿದ್ದರು.

ಕೆಲವು ವರ್ಷಗಳ ಮೇಲೆ ಒಂದು ಮಧ್ಯಾಹ್ನ ಕಾಗೆ ಹೈನಾನನ್ನು ಬಿಟ್ಟು ಅದನ್ನೇ ಎತ್ತಿಕೊಂಡು ಹಾರಿತು. ಮಂಡಿನೋವಿನ ದೊಡ್ಡಮ್ಮ ಕೋಲು ಬೀಸಿಕೊಂಡು ಹೊಳೆಯ ಬದಿಯವರೆಗೂ ಓಡಿದರು. ಬರಿಗೈಯಲ್ಲಿ ಬಂದು ಚಾಪೆಯ ಬಳಿ ಕುಸಿದು ಕೂತು, ಸಣ್ಣ ಮಕ್ಕಳ ಹಾಗೆ ಅತ್ತರು. ನನಗೆ ನಗು ಬರಲಿಲ್ಲ ಎಂಬುದು ಮಾತ್ರ ನಿಜ.

ಬೇಲಿಯ ಸಂದಿಯಿಂದ ಭವಾನಿಯಕ್ಕ ಬಂದರು. ಅಂಗೈಯಲ್ಲಿ ಬಾಳೆಲೆಯ ತುಂಡು, ಅದರ ಮೇಲೆ ಆಗ ತಾನೇ ಒತ್ತಿದ ಹಲಸಿನ ಹಪ್ಪಳ. ನಮ್ಮನ್ನು ಏನೂ ಕೇಳದೆ ಚಾಪೆಯ ಆಚೆ ಬದಿಗೆ ಹೋಗಿ, ನೆಲ ಕಡಲಿಗೆ ಮೂತಿ ಚಾಚಿದ ಜಾಗ ನೋಡಿ ಇಟ್ಟರು.

"ಇಲ್ಲಿಯೇ ಅಲ್ವಾ?"

ದೊಡ್ಡಮ್ಮ ಸೆರಗಿನಲ್ಲಿ ಕಣ್ಣೊರೆಸಿಕೊಂಡು ನೋಡಿದರು.

"ಒಂಚೂರು ಮೂಡಕ್ಕೆ ಸರಿಸು ಭವಾನೀ. ಅವನ ಅಪ್ಪೆ ಇರುವುದು ಕಡಲಿನ ಹತ್ತಿರ."

ಭವಾನಿಯಕ್ಕ ಸರಿಸಿ ಇಟ್ಟು, ಕಾಗೆಯ ಕೋಲು ತೆಗೆದುಕೊಂಡು ಅಲ್ಲೇ ಕೂತರು.