ಸಮುದ್ರವಿಲ್ಲದ ಊರಿನಲ್ಲಿ ಬ್ಯಾಟಲ್‌ಶಿಪ್ ಪಾಠ

ಹಡಗಿನ ಪಾಠ ಹೇಳುವವನಿಗೆ ಎಡವಟ್ಟುಗಳು ಆಗುತ್ತಲೇ ಇರುತ್ತವೆ. ಅದೂ ಬೇಸಿಗೆಯಲ್ಲಿ ನದಿಗೇ ಮೊಣಕಾಲುದ್ದ ನೀರಿರದ ಪುಣೆಯಂಥ ಊರಿನಲ್ಲಿ. ಎಪ್ಪತ್ತರ ದಶಕದ ಮೊದಲಿನಿಂದ ಎಂಬತ್ತರ ದಶಕ ಮುಗಿಯುವ ತನಕ ಊರ ಹೊರಗಿನ ಒಂದು ಸೈನಿಕ ತರಬೇತಿ ಕಾಲೇಜಿನಲ್ಲಿ ನಾನು ನೌಕಾಯುದ್ಧದ ಇತಿಹಾಸ ಕಲಿಸಿದೆ. ನನ್ನ ಪಾಲಿಗೆ ಬಂದದ್ದು ಬ್ಯಾಟಲ್‌ಶಿಪ್. ಗೇಣಿಗೂ ಮೀರಿದ ದಪ್ಪದ ಉಕ್ಕು ಹೊದ್ದು, ಆಳು ತೂರಿಕೊಳ್ಳುವಂಥ ಬಾಯಿಯ ತೋಪುಗಳನ್ನು ಹೊತ್ತು, ಸಮುದ್ರವನ್ನೆಲ್ಲ ಹೆದರಿಸಿ, ಕೊನೆಗೆ ವಿಮಾನದ ಬಾಂಬಿಗೂ ಜಲಾಂತರ್ಗಾಮಿಗೂ ಸಿಕ್ಕು ಮೂಲೆ ಸೇರಿದ ಹಡಗು ಅದು. ಪ್ರತಿ ವರ್ಷ ಜೂನ್ ತಿಂಗಳಲ್ಲಿ ಅದನ್ನು ಕಟ್ಟುತ್ತಿದ್ದೆ, ಮಾರ್ಚ್‌ನಲ್ಲಿ ಮುಳುಗಿಸುತ್ತಿದ್ದೆ. ಒಂದೇ ಹಡಗನ್ನು ಹದಿನೇಳು ಸಲ ಮುಳುಗಿಸಿದರೆ ಎಂಥವನಿಗೂ ದಣಿವಾಗುತ್ತದೆ.

ಟ್ಯಾಂಕ್

ನಾನು ವಿಜಾಪುರದ ಕಡೆಯವನು. ಧಾರವಾಡದಲ್ಲಿ ಇತಿಹಾಸದ ಎಂ.ಎ. ಮಾಡಿ, ವಿಜಯನಗರ ಕಾಲದ ಕೆರೆಗಳ ಮೇಲೆ ಒಂದು ಪ್ರಬಂಧ ಬರೆದಿದ್ದೆ. ಇಂಗ್ಲಿಷಿನಲ್ಲಿ ಕೆರೆಗೆ ಟ್ಯಾಂಕ್ ಅನ್ನುತ್ತಾರೆ. ನೌಕರಿಯ ಅರ್ಜಿಯಲ್ಲಿಯೂ ಹಾಗೇ ಬರೆದೆ.

ಸಂದರ್ಶನಕ್ಕೆ ಮೂವರು ಕೂತಿದ್ದರು: ಭೂಸೇನೆಯ ಒಬ್ಬ ಕರ್ನಲ್, ನೌಕಾಪಡೆಯ ಒಬ್ಬ ಅಧಿಕಾರಿ, ನಡುವೆ ಪ್ರಿನ್ಸಿಪಾಲರು. ಕರ್ನಲ್ ನನ್ನ ಅರ್ಜಿ ನೋಡಿ ಮುಖ ಅರಳಿಸಿದರು.

"ಟ್ಯಾಂಕುಗಳ ಮೇಲೆ ಸಂಶೋಧನೆ ಮಾಡಿದ್ದೀರಿ."

"ಹೌದು ಸರ್."

"ಯಾವ ಟ್ಯಾಂಕುಗಳು?"

"ವಿಜಯನಗರದವು ಸರ್."

ಕರ್ನಲ್ ಮತ್ತೊಮ್ಮೆ ಅರ್ಜಿ ನೋಡಿದರು. "ವಿಜಯನಗರದವರ ಹತ್ತಿರ ಟ್ಯಾಂಕ್ ಇದ್ದವೇ?"

"ನೂರಾರಿದ್ದವು ಸರ್. ಕೆಲವು ಇವತ್ತಿಗೂ ಉಪಯೋಗದಲ್ಲಿವೆ."

ಅವರು ಪೆನ್ನು ಕೆಳಗಿಟ್ಟು, ಬಹಳ ಹೊತ್ತು ಯೋಚಿಸಿ ಕೇಳಿದರು, "ಹಾಗಿದ್ದರೆ ಅವರು ಸೋತದ್ದು ಹೇಗೆ?"

ಆಗ ನನಗೆ ಎಡವಟ್ಟಾದದ್ದು ತಿಳಿಯಿತು. ಅವು ನೀರಿನ ಟ್ಯಾಂಕುಗಳು, ಊರವರು ಎಮ್ಮೆ ತೊಳೆಯುವಂಥವು ಎಂದು ವಿವರಿಸಿದೆ. ಕರ್ನಲ್ ನನ್ನ ಅರ್ಜಿಯನ್ನು ಮಗುಚಿ ಇಟ್ಟರು. ಅಲ್ಲಿಯವರೆಗೆ ಕಿಟಕಿಯ ಹೊರಗೆ ನೋಡುತ್ತಿದ್ದ ನೌಕಾಪಡೆಯ ಅಧಿಕಾರಿ ಮೊದಲ ಸಲ ಬಾಯಿ ತೆರೆದರು.

"ನೀರು ಅಂದಿರಾ? ಹಾಗಾದರೆ ಇವರು ನಮ್ಮವರು."

ಹೀಗೆ ನಾನು ನೌಕಾ ಇತಿಹಾಸದ ಉಪನ್ಯಾಸಕನಾದೆ.

ಬಾಗಲಕೋಟೆಯಲ್ಲಿ ಹೆಣ್ಣು ನೋಡಿದ್ದು

ನೌಕರಿ ಸಿಕ್ಕ ಮರುವರ್ಷ ಸೋದರಮಾವ ನನ್ನನ್ನು ಬಾಗಲಕೋಟೆಗೆ ಕರೆದುಕೊಂಡು ಹೋದ. ಹುಡುಗಿಯ ತಂದೆ ಅರಿವೆ ಅಂಗಡಿಯ ವ್ಯಾಪಾರಿ. ಮಾವ ಮೊದಲೇ ಹೇಳಿ ಕಳಿಸಿದ್ದ, ಹುಡುಗ ನೇವಿಯೊಳಗ ಅದಾನ ಅಂತ. ಅದನ್ನು ಕೇಳಿದಾಗಿನಿಂದ ಆ ಮನೆಯಲ್ಲಿ ಯಾರೂ ಸರಿಯಾಗಿ ಊಟ ಮಾಡಿರಲಿಲ್ಲವಂತೆ.

ಅವಲಕ್ಕಿ ಬಂತು, ಚಹಾ ಬಂತು. ಹುಡುಗಿಯ ತಂದೆ ಗಂಭೀರವಾಗಿ ಕೇಳಿದರು, "ವರ್ಷದಾಗ ಎಷ್ಟು ತಿಂಗಳ ಹಡಗಿನ ಮ್ಯಾಲ ಇರ್ತೀರಿ?"

"ನಾ ಹಡಗ ಹತ್ತಿಲ್ರಿ."

"ಮುಂದ ಹತ್ತೂದು ಬಂದೀತಲ್ರಿ?"

"ಇಲ್ರಿ. ನಾ ಸಮುದ್ರಾನೂ ನೋಡಿಲ್ಲ."

ಅವರು ಒಳಗೆ ತಿರುಗಿ ನೆಮ್ಮದಿಯಿಂದ ಹೇಳಿದರು, "ಏನೂ ಕಾಳಜಿ ಇಲ್ಲ. ಹುಡುಗ ಸಮುದ್ರಾನ ನೋಡಿಲ್ಲಂತ." ಒಳಗಿನಿಂದ ಕೂಡಲೇ ಎರಡನೇ ಸಲ ಅವಲಕ್ಕಿ ಬಂತು.

ಮಾತಾಡಲು ನಮ್ಮಿಬ್ಬರನ್ನೇ ಪಡಸಾಲೆಯಲ್ಲಿ ಬಿಟ್ಟರು. ಹುಡುಗಿ ತಲೆ ತಗ್ಗಿಸಿಯೇ ಕೇಳಿದಳು, "ಸಮುದ್ರ ನೋಡಲಾರದ ಪಾಠ ಹೆಂಗ ಮಾಡ್ತೀರಿ?"

"ಪುಸ್ತಕ ಅವ. ಓದಿ ಮಾಡ್ತೀನಿ."

ಅವಳು ಈಗ ತಲೆ ಎತ್ತಿ ಹೇಳಿದಳು, "ನಾ ನೋಡೇನಿ. ಸಾಲಿ ಟ್ರಿಪ್ಪಿನ್ಯಾಗ ಕಾರವಾರಕ್ಕ ಹೋಗಿದ್ದೆ. ಏನರ ಸಂಶಯ ಬಂದ್ರ ಕೇಳ್ರಿ."

ಎರಡು ಮತ್ತು ಹದಿನೆಂಟು

ಬಾಗಲಕೋಟೆಯ ಆ ಹುಡುಗಿಯನ್ನೇ ಮದುವೆಯಾದ ಮೇಲೆ ಪುಣೆಯ ಸದಾಶಿವ ಪೇಠದಲ್ಲಿ, ಅಂಗಳದ ಸುತ್ತ ಬಿಡಾರಗಳಿದ್ದ ಒಂದು ವಾಡೆಯಲ್ಲಿ ಎರಡು ಕೋಣೆ ಹಿಡಿದೆವು. ಮಾಲೀಕರು ನಿವೃತ್ತ ಹೆಡ್‌ಮಾಸ್ತರು. ಅಂಗಳದಲ್ಲಿ ಎಲ್ಲರಿಗೂ ಒಂದೇ ನಲ್ಲಿ. ಯಾವ ಬಿಡಾರಕ್ಕೆ ಎಷ್ಟು ಹೊತ್ತು ನೀರು ಎಂಬುದನ್ನು ಅವರು ಕೈಗಡಿಯಾರ ನೋಡಿ ನಡೆಸುತ್ತಿದ್ದರು. ನಮಗೆ ಇಪ್ಪತ್ತು ನಿಮಿಷ.

ಒಂದು ಸಂಜೆ ಅವರು ಕಟ್ಟೆಯ ಮೇಲೆ ಕೂಡಿಸಿಕೊಂಡು ಮರಾಠಿಯಲ್ಲಿ ವಿಚಾರಣೆ ಶುರು ಮಾಡಿದರು.

"ಮರಾಠರ ನೌಕಾಪಡೆಯ ಬಗ್ಗೆ ನೀವು ಎಷ್ಟು ಪಾಠ ಮಾಡುತ್ತೀರಿ?"

"ಎರಡು, ಗುರೂಜಿ."

"ಆ ಇಂಗ್ಲಿಷರ ಬ್ಯಾಟಲ್‌ಶಿಪ್ ಬಗ್ಗೆ?"

ಸುಳ್ಳು ಹೇಳಬಹುದಿತ್ತು. ಆದರೆ ಬಸ್ಸಿನಲ್ಲಿ ಒಂದೂವರೆ ತಾಸು ನಿಂತು ಬಂದಿದ್ದೆ. ಸುಳ್ಳು ಹೇಳಲು ಬೇಕಾದ ಚುರುಕು ಉಳಿದಿರಲಿಲ್ಲ. "ಹದಿನೆಂಟು," ಎಂದೆ.

ಗುರೂಜಿ ತಲೆಯಾಡಿಸಿ ಒಳಗೆ ಹೋದರು. ಮರುದಿನ ಬೆಳಗ್ಗೆ ಹೆಂಡತಿ ಒಂದು ಕೊಡ ತುಂಬಿಸಿ ಎರಡನೆಯದನ್ನು ಇಡುವಷ್ಟರಲ್ಲಿ ಅವರು ಬಂದು ನಲ್ಲಿ ತಿರುವಿ ನಿಲ್ಲಿಸಿದರು. "ನಿಮ್ಮದು ಎರಡು ನಿಮಿಷ," ಎಂದರು. "ಉಳಿದ ಹದಿನೆಂಟನ್ನು ಇಂಗ್ಲಿಷರ ಹತ್ತಿರ ಕೇಳಿ."

ನಾಲ್ಕು ದಿನ ತಡೆದುಕೊಂಡೆವು. ಐದನೆಯ ದಿನ ಹೆಂಡತಿ ಗಂಟು ಕಟ್ಟಲು ಶುರು ಮಾಡಿದಳು. ನಾನು ಪ್ರಿನ್ಸಿಪಾಲರ ಕೋಣೆಗೆ ಹೋಗಿ, ಮರಾಠರ ನೌಕಾಪಡೆಗೆ ಇನ್ನೂ ಆರು ಪಾಠ ಕೊಡಬೇಕು ಎಂದು ಬರೆದ ಅರ್ಜಿ ಮುಂದಿಟ್ಟೆ. ಅವರು ಓದಿ ಮೆಚ್ಚಿಕೊಂಡರು. ಬಹಳ ದಿನದಿಂದ ತಮಗೂ ಹಾಗೇ ಅನಿಸಿತ್ತು ಎಂದರು.

"ಸಮಿತಿಗೆ ಕಾರಣ ಕೊಡಬೇಕಾಗುತ್ತದೆ," ಎಂದು ಪೆನ್ನು ಹಿಡಿದರು. "ಏನೆಂದು ಬರೆಯಲಿ? ರಾಷ್ಟ್ರಾಭಿಮಾನವೇ, ಹೊಸ ಸಂಶೋಧನೆಯೇ?"

"ಕುಡಿಯುವ ನೀರು ಸರ್," ಎಂದೆ.

ಒಂದು ಸಾಲಿನ ಉತ್ತರ

ರಷ್ಯ–ಜಪಾನ್ ಯುದ್ಧ ನನಗೆ ಪ್ರಿಯವಾದ ಪಾಠ. ರಷ್ಯದ ಬ್ಯಾಟಲ್‌ಶಿಪ್‌ಗಳು ಯುರೋಪಿನಿಂದ ಹೊರಟು, ದಾರಿಯಲ್ಲಿ ಇಂಗ್ಲಿಷ್ ಮೀನುಗಾರರ ದೋಣಿಗಳನ್ನೇ ಜಪಾನಿಯರೆಂದು ತಿಳಿದು ಗುಂಡು ಹಾರಿಸಿ, ಆಫ್ರಿಕ ಸುತ್ತಿ, ಕಲ್ಲಿದ್ದಲು ತುಂಬಿ ತುಂಬಿ ಸೋತು, ತಿಂಗಳುಗಟ್ಟಲೆ ಸಾಗಿ ಜಪಾನ್ ಮುಟ್ಟಿದವು. ಅಲ್ಲಿ ಎದುರಾಳಿ ಕಾಯುತ್ತ ಕೂತಿದ್ದ. ಎರಡು ದಿನ ತುಂಬುವುದರೊಳಗೆ ಆ ಪಡೆ ನಾಶವಾಯಿತು.

ರಷ್ಯ ಸೋತದ್ದಕ್ಕೆ ಕಾರಣಗಳೇನು ಎಂದು ಪರೀಕ್ಷೆಗೆ ಕೇಳಿದ್ದೆ. ಹಡಗಿನ ವೇಗ, ಗುರಿಕಾರರ ತರಬೇತಿ, ಮದ್ದುಗುಂಡಿನ ಗುಣ, ಹೀಗೆ ಆರು ಕಾರಣ ಬರೆಯಬೇಕು. ಒಬ್ಬ ಕೆಡೆಟ್ ಒಂದೇ ಸಾಲು ಬರೆದಿದ್ದ: "ಅಷ್ಟು ದೂರದಿಂದ ಬಂದು ಕೆಲಸಕ್ಕೆ ಹಾಜರಾದವರಿಂದ ಇನ್ನೇನು ನಿರೀಕ್ಷಿಸಬಹುದು?"

ಉತ್ತರಪತ್ರಿಕೆ ತಿದ್ದಿದ ದಿನ ನನಗೆ ಎರಡು ಬಸ್ಸು ತಪ್ಪಿದ್ದವು. ಮೂರನೆಯದು ದಾರಿಯಲ್ಲಿ ಕೆಟ್ಟು, ಕೊನೆಯ ಮೈಲಿ ನಡೆದು ಬಂದಿದ್ದೆ. ಆ ಒಂದು ಸಾಲನ್ನು ನಾಲ್ಕು ಸಲ ಓದಿ ಹತ್ತಕ್ಕೆ ಒಂಬತ್ತು ಕೊಟ್ಟೆ. ಒಂದು ಅಂಕ ಕಳೆದದ್ದು ಅಕ್ಷರ ಚೆನ್ನಾಗಿಲ್ಲವೆಂದು.

ಸ್ಟೆನ್ಸಿಲ್

ಎಂಬತ್ತರ ದಶಕದ ಮೊದಲಲ್ಲಿ ನನ್ನ ಟಿಪ್ಪಣಿಗಳನ್ನೆಲ್ಲ ಸೇರಿಸಿ ಒಂದು ಕೈಪಿಡಿ ಮಾಡಬೇಕೆಂದಾಯಿತು. ಆಫೀಸಿನ ಟೈಪಿಸ್ಟ್, ಎಲ್ಲರೂ ಗೌರವದಿಂದ ಬಾಯಿ ಎಂದು ಕರೆಯುತ್ತಿದ್ದ, ನಿವೃತ್ತಿಗೆ ಒಂದು ವರ್ಷ ಉಳಿದಿದ್ದ ಮರಾಠಿ ಹೆಂಗಸು, ಮೂರು ತಿಂಗಳು ಕೂತು ಪ್ರತಿ ಪುಟವನ್ನೂ ನಕಲು ತೆಗೆಯುವ ಮೇಣದ ಹಾಳೆಯ, ಅಂದರೆ ಸ್ಟೆನ್ಸಿಲ್‌ನ ಮೇಲೆ ಹೊಡೆದರು. ಕೊನೆಯ ಪುಟದ ಕೊನೆಯ ವಾಕ್ಯ ನನಗೆ ಬಹಳ ಹಿಡಿಸಿತ್ತು: "ಬ್ಯಾಟಲ್‌ಶಿಪ್ ಇನ್ನೆಂದೂ ಸಮುದ್ರಕ್ಕಿಳಿಯುವುದಿಲ್ಲ."

ಅದೇ ವಾರ ಪತ್ರಿಕೆಯಲ್ಲಿ ಸುದ್ದಿ ಬಂತು. ಅಮೆರಿಕದವರು ತಮ್ಮ ಹಳೆಯ ಬ್ಯಾಟಲ್‌ಶಿಪ್‌ಗಳನ್ನು ಮೂಲೆಯಿಂದ ಹೊರಗೆಳೆದು, ಕ್ಷಿಪಣಿ ಜೋಡಿಸಿ, ಮತ್ತೆ ಸಮುದ್ರಕ್ಕೆ ಬಿಡುತ್ತಾರಂತೆ. ಪತ್ರಿಕೆ ಹಿಡಿದುಕೊಂಡು ಬಾಯಿಯ ಮೇಜಿಗೆ ಹೋದೆ.

"ಕೊನೇ ಪುಟ ಮತ್ತೆ ಹೊಡೆಯಬೇಕು, ಬಾಯಿ."

"ಯಾಕೆ?"

"ಅಮೆರಿಕದವರು ಮತ್ತೆ ಇಳಿಸುತ್ತಿದ್ದಾರೆ."

ಬಾಯಿ ಪತ್ರಿಕೆಯಲ್ಲಿದ್ದ ಹಡಗಿನ ಚಿತ್ರವನ್ನು ಕನ್ನಡಕ ಏರಿಸಿ ನೋಡಿದರು. "ಇದು ನನ್ನ ಮಶೀನಿಗಿಂತ ಹಳೇದು. ಎಷ್ಟು ದಿನ ಓಡೀತು?"

"ಹೇಳಲಿಕ್ಕಾಗದು."

"ಹಾಗಾದರೆ ಪುಟ ಯಾಕೆ ಹಾಳು ಮಾಡುವುದು? ಸ್ಟೆನ್ಸಿಲ್ ಬೇರೆ ಮುಗಿದಿದೆ. ಸಾಲಿನ ಮೇಲೆ ಒಂದು ಶಬ್ದಕ್ಕೆ ಜಾಗ ಇದೆ. ಏನು ಸೇರಿಸಲಿ, ಹೇಳಿ."

ಹನ್ನೊಂದು ವರ್ಷದ ಪಾಠವನ್ನು ಒಂದು ಶಬ್ದದಲ್ಲಿ ಹೇಗೆ ಉಳಿಸುವುದು ತಿಳಿಯಲಿಲ್ಲ. ಬಾಯಿಯೇ ಒಂದು ಶಬ್ದ ಹೊಡೆದು ಕಾಗದ ಎಳೆದು ಕೊಟ್ಟರು. ಕೈಪಿಡಿ ಹಾಗೇ ಅಚ್ಚಾಯಿತು: "ಬ್ಯಾಟಲ್‌ಶಿಪ್ ಸಾಮಾನ್ಯವಾಗಿ ಇನ್ನೆಂದೂ ಸಮುದ್ರಕ್ಕಿಳಿಯುವುದಿಲ್ಲ."

ನಾನು ಬರೆದದ್ದರಲ್ಲಿ ಇವತ್ತಿನವರೆಗೆ ಯಾರೂ ತಪ್ಪು ಹಿಡಿಯದ ವಾಕ್ಯ ಅದೊಂದೇ.

ತಳಕ್ಕೆ ನಾಲ್ಕು ತೂತು

ಇದು ಅದಕ್ಕೂ ಸ್ವಲ್ಪ ಹಿಂದಿನ ಮಾತು, ಎಪ್ಪತ್ತರ ದಶಕದ ಕೊನೆಯದು. ಆಗಿನ್ನೂ ನನ್ನ ನೌಕರಿ ಹಂಗಾಮಿ. ಪ್ರತಿ ವರ್ಷ ಅವಧಿ ಮುಗಿಯುವ ಹೊತ್ತಿಗೆ ಮನೆಯಲ್ಲಿ ಯಾರಿಗೂ ನಿದ್ದೆ ಇರುತ್ತಿರಲಿಲ್ಲ. ಆ ವರ್ಷ ನೌಕಾಪಡೆಯ ಹಿರಿಯ ಸಾಹೇಬರೊಬ್ಬರು ತಪಾಸಣೆಗೆ ಬರುವವರಿದ್ದರು. ಅವರು ಒಳ್ಳೆಯದು ಬರೆದರೆ ನಾನು ಖಾಯಂ, ಇಲ್ಲದಿದ್ದರೆ ಗಂಟುಮೂಟೆ ಎಂದು ಪ್ರಿನ್ಸಿಪಾಲರು ಬಿಚ್ಚಿ ಹೇಳಿದರು.

ಏನಾದರೂ ಕಣ್ಣಿಗೆ ಕಟ್ಟುವಂಥದ್ದು ಮಾಡಬೇಕೆಂದು ಯೋಚಿಸಿದೆ. ಆಳುದ್ದದ ಒಂದು ಮರದ ಬ್ಯಾಟಲ್‌ಶಿಪ್ ಮಾಡಿಸಿ ಕಾಲೇಜಿನ ಈಜುಕೊಳದಲ್ಲಿ ಬಿಡುವುದು. ಕೊಳಕ್ಕೆ ಜಿಗಿಯುವ ಎತ್ತರದ ಹಲಗೆಯಿಂದ ಕೆಡೆಟ್‌ಗಳು ಮರಳಿನ ಚೀಲ ಎಸೆಯುವುದು. ಅವು ವಿಮಾನದ ಬಾಂಬುಗಳು. ಅದೇ ಹೊತ್ತಿಗೆ ದಡದಲ್ಲಿರುವ ಇಬ್ಬರು ದಾರ ಎಳೆದು ತಳದ ತೂತುಗಳ ಬೂಚು ಕೀಳುವುದು. ನೀರು ನುಗ್ಗಿ ಹಡಗು ಮುಳುಗುತ್ತದೆ. ಆಗ ನಾನು, "ಹೀಗೆ ಬ್ಯಾಟಲ್‌ಶಿಪ್ ಯುಗ ಮುಗಿಯಿತು," ಎನ್ನುವುದು.

ಪುಣೆಯ ದಂಡು ಪ್ರದೇಶವಾದ ಕ್ಯಾಂಪಿನಲ್ಲಿ ನಮ್ಮ ಕಡೆಯ ಒಬ್ಬ ಬಡಗಿ ಇದ್ದ. ಕಲಬುರ್ಗಿ ಹತ್ತಿರದವನು, ಕಟ್ಟಡಗಳ ಕೆಲಸಕ್ಕೆ ಬಂದು ಪುಣೆಯಲ್ಲೇ ನೆಲೆಯಾದವನು, ಕೈ ಬಹಳ ಹದ. ನಕಾಶೆ ಕೊಟ್ಟೆ, ದಾರ ಕಟ್ಟಿದ ರಬ್ಬರಿನ ಬೂಚುಗಳನ್ನೂ ಕೊಟ್ಟೆ. "ತಳಕ್ಕ ನಾಕು ತೂತು ಇರ್ಲಿ," ಎಂದೆ.

"ತಳಕ್ಕೇನ್ರಿ?"

"ಹೌದು, ತಳಕ್ಕ."

"ನೀರಾಗ ಬಿಡೂ ಹಡಗ ಅಲ್ರಿ ಇದು?"

"ನೀರಾಗ ಬಿಡೂದ."

ಅವನು ನನ್ನನ್ನು ಸ್ವಲ್ಪ ಹೊತ್ತು ನೋಡಿ, "ಆತ್ರಿ," ಎಂದ. ನನಗೆ ಬಸ್ಸಿನ ಅವಸರ. ಬಿಡಿಸಿ ಹೇಳಲಿಲ್ಲ.

ತಪಾಸಣೆಯ ದಿನ ಬಡಗಿ ತಾನೇ ಟೆಂಪೋದಲ್ಲಿ ಹಡಗು ತಂದು, ನೋಡಿಯೇ ಹೋಗುತ್ತೇನೆಂದು ಗೋಡೆಯ ಹತ್ತಿರ ನಿಂತ. ಹಡಗು ನಿಜಕ್ಕೂ ಚೆಂದವಿತ್ತು. ಬೂದು ಬಣ್ಣ, ಮೂರು ಮೂರು ತೋಪಿನ ಗೋಪುರಗಳು. ಸಾಹೇಬರು ಕೊಳದ ಅಂಚಿನಲ್ಲಿ ಕುರ್ಚಿ ಹಾಕಿಸಿಕೊಂಡು ಕೂತರು.

ನಾನು ಸನ್ನೆ ಮಾಡಿದೆ. ಮೊದಲ ಚೀಲ ಬಿತ್ತು. ಹಡಗು ಓಲಾಡಿ ನೆಟ್ಟಗಾಯಿತು. ಎರಡನೆಯದು ಬಿತ್ತು, ಐದನೆಯದು ಬಿತ್ತು. ಒಂದು ಗೋಪುರ ಹಾರಿಹೋಯಿತು, ಹಡಗು ಮಾತ್ರ ತೇಲುತ್ತಲೇ ಇತ್ತು. ದಾರ ಎಳೆಯಿರಿ ಎಂದು ಕಣ್ಣಲ್ಲೇ ಹೇಳಿದೆ. ಕೆಡೆಟ್‌ಗಳು ಎಳೆದರು. ಏನೂ ಆಗಲಿಲ್ಲ. ಇನ್ನೂ ಜೋರಾಗಿ ಎಳೆದರು. ಇಡೀ ಹಡಗೇ ತಿರುಗಿ, ನೀರು ಸೀಳಿಕೊಂಡು ಬಂದು ಸಾಹೇಬರ ಬೂಟಿನ ಮುಂದೆ ದಡಕ್ಕೆ ಟಕ್ಕೆಂದು ಬಡಿದು ನಿಂತಿತು. ನನ್ನ ಬಾಯಿಂದ, ತಯಾರಿ ಮಾಡಿಕೊಂಡಿದ್ದ ವಾಕ್ಯ ತಾನಾಗಿ ಬಂದುಬಿಟ್ಟಿತು: "ಹೀಗೆ ಬ್ಯಾಟಲ್‌ಶಿಪ್ ಯುಗ ಮುಗಿಯಿತು."

ಸಾಹೇಬರು ಬಗ್ಗಿ ನೋಡಿದರು. "ಅದನ್ನು ಈ ಹಡಗಿಗೆ ಯಾರಾದರೂ ತಿಳಿಸಿದ್ದೀರಾ?" ಎಂದರು.

ಹಡಗನ್ನು ಮಗುಚಿ ನೋಡಿದಾಗ ತೂತುಗಳನ್ನೆಲ್ಲ ಗೂಟ ಬಡಿದು ಡಾಂಬರು ಮೆತ್ತಿ ಮುಚ್ಚಲಾಗಿತ್ತು. ನಾನು ಕೊಟ್ಟ ಬೂಚುಗಳನ್ನು ಹೊರಗಿನಿಂದ ಮೊಳೆ ಹೊಡೆದು ಕೂಡಿಸಲಾಗಿತ್ತು. ಸಾಹೇಬರು ಬಡಗಿಯನ್ನು ಕರೆದು ಹಿಂದಿಯಲ್ಲಿ ಕೇಳಿದರು, ಯಾಕೆ ಮುಚ್ಚಿದೆ ಎಂದು. ಅವನು ಗಾಬರಿಯಲ್ಲಿ ಕನ್ನಡದಲ್ಲೇ ಹೇಳತೊಡಗಿದ. ಅನುವಾದ ಮಾಡಲು ಅಲ್ಲಿದ್ದವನು ನಾನೊಬ್ಬನೇ.

"ಈ ಸರ್ ಭಾಳ ಛಲೋ ಮನಷ್ಯಾರ್ರಿ," ಎಂದ ಬಡಗಿ. "ಆದರ ಹಡಗಂದ್ರ ಏನಂತ ಇವರಿಗೆ ಗೊತ್ತಿಲ್ಲ. ನೀರಾಗ ಬಿಡೂ ಹಡಗಕ್ಕ ತಳಕ್ಕ ತೂತು ಹಾಕು ಅಂದ್ರು. ನಿಮಗ ತಿಳದ್ರ ಇವರ ನೌಕರಿ ಹೋಗ್ತದ ಅಂತ ನಾನ ಮುಚ್ಚಿದೆ. ಯಾರ ಮುಂದೂ ಹೇಳಿಲ್ರಿ."

"ಏನಂತೆ?" ಎಂದರು ಸಾಹೇಬರು.

ಅನುವಾದ ಮಾಡಿದೆ. ಒಂದಕ್ಷರ ಬಿಡದೆ ಮಾಡಿದೆ. ಮುಚ್ಚಿಡುವ ತ್ರಾಣ ನನ್ನಲ್ಲಿ ಉಳಿದಿರಲಿಲ್ಲ. ಸಾಹೇಬರು ಕುರ್ಚಿಯಲ್ಲಿ ಕೂತು ಕರವಸ್ತ್ರ ತೆಗೆದು ಬಹಳ ಹೊತ್ತು ಕಣ್ಣೊರೆಸಿಕೊಂಡರು. ಪ್ರಿನ್ಸಿಪಾಲರು ನನ್ನ ಕಡೆ ನೋಡಲಿಲ್ಲ.

ಒಂದು ತಿಂಗಳ ಮೇಲೆ ವರದಿ ಬಂತು. ಇಂಥ ಸತ್ಯವಂತ ಅನುವಾದಕನನ್ನು ತಾವು ಎಲ್ಲೂ ಕಂಡಿಲ್ಲ, ಇತಿಹಾಸ ಕಲಿಸಲು ಬೇಕಾದದ್ದು ಅದೇ ಗುಣ, ಇವರನ್ನು ಖಾಯಂ ಮಾಡಬೇಕು ಎಂದು ಬರೆದಿದ್ದರು. ಪೇಢೆಯ ಪೊಟ್ಟಣ ಹಿಡಿದುಕೊಂಡು ಕ್ಯಾಂಪಿಗೆ ಹೋಗಿ ಬಡಗಿಗೆ ಸುದ್ದಿ ಹೇಳಿದೆ. ಹಡಗು ಮುಳುಗಲೇಬೇಕಿತ್ತು, ಅದಕ್ಕೇ ತೂತು ಹೇಳಿದ್ದೆ ಎಂದು ಅವತ್ತಾದರೂ ಪೂರ್ತಿ ಬಿಡಿಸಿ ಹೇಳಿದೆ. ಅವನು ಎಲ್ಲ ಕೇಳಿಸಿಕೊಂಡ. ಒಂದು ಪೇಢೆ ಬಾಯಿಗೆ ಹಾಕಿಕೊಂಡು, ಸುತ್ತ ಯಾರೂ ಇಲ್ಲವೆಂದು ನೋಡಿ, ತಗ್ಗಿದ ದನಿಯಲ್ಲಿ ಸಮಾಧಾನ ಮಾಡಿದ.

"ಇರ್ಲಿ ಬಿಡ್ರಿ ಸರ್. ಖಾಯಂ ಆತಲ್ಲ, ಇನ್ನ ಸಾವಕಾಶ ಕಲೀರಿ."